ಬೆಟ್ಟದ ರಸ್ತೆಯ ಕೋಡ್

ಉಗ್ರಾಣದ ಗೇಟಿನ ಪಕ್ಕದ ತಗಡಿನ ಕೋಣೆಯಲ್ಲಿ ಕೂತು, ಒಳಹೋಗುವ ಹೊರಬರುವ ಲಾರಿಗಳ ನಂಬರು ಬರೆದುಕೊಳ್ಳುವ ಮನುಷ್ಯನನ್ನು ಎಲ್ಲರೂ ಗೇಟಣ್ಣ ಎಂದೇ ಕರೆಯುತ್ತಿದ್ದರು. ಅವನೂ ಒಂದು ಕಾಲಕ್ಕೆ ಡ್ರೈವರ್ ಆಗಿದ್ದ ಎಂಬುದು ಹಳಬರಿಗೆ ಮಾತ್ರ ಗೊತ್ತಿತ್ತು. ಇಪ್ಪತ್ತೆರಡು ವರ್ಷ ಹತ್ತು ಚಕ್ರದ ಲಾರಿ ಓಡಿಸಿದವನು, ಈಗ ಯಾರಾದರೂ "ಅಣ್ಣಾ, ಇದನ್ನ ಸ್ವಲ್ಪ ಹಿಂದಕ್ಕೆ ತೆಗೆದುಕೊಡು, ಟೀ ಕುಡಿದು ಬರ್ತೀನಿ" ಎಂದು ಕೀ ಚಾಚಿದರೆ, "ಗೇಟ್ ಬಿಟ್ಟು ಬರೋ ಹಾಗಿಲ್ಲಪ್ಪ" ಎಂದು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಳ್ಳುತ್ತಿದ್ದ. ಬಸ್ಸು ಹತ್ತಿದರೂ ಮುಂದಿನ ಗಾಜು ಕಾಣದ ಜಾಗ ಹುಡುಕಿ, ಸೀಟು ಖಾಲಿಯಿದ್ದರೂ ನಿಂತೇ ಬರುತ್ತಿದ್ದ.

ಒಂಬತ್ತು ವರ್ಷದ ಹಿಂದೆ, ಒಂದು ಮಧ್ಯಾಹ್ನ, ಸಿಮೆಂಟ್ ಮೂಟೆ ತುಂಬಿದ ಅವನ ಲಾರಿ ಬೆಟ್ಟದ ರಸ್ತೆ ಇಳಿಯುವಾಗ ಐದನೇ ತಿರುವಿನಲ್ಲಿ ಬಂಡೆಗೆ ಗುದ್ದಿತ್ತು. ಅವನ ಎರಡು ಪಕ್ಕೆಲುಬು ಮುರಿದವು. ಸೀಟಿನ ಹಿಂದಿನ ಹಲಗೆಯ ಮೇಲೆ ಮಲಗಿದ್ದ ಜೊತೆ ಡ್ರೈವರನ ಬಲಗಾಲು ಮೊಣಕಾಲಿನಿಂದ ಕೆಳಗೆ ಕೆಲಸಕ್ಕೆ ಬಾರದಂತಾಯಿತು. ಆ ಜೊತೆಗಾರನನ್ನು ಊರೆಲ್ಲ ಮೀಸೆ ಎನ್ನುತ್ತಿತ್ತು. ಮುಖದಲ್ಲಿ ಬೇರೇನಿದೆ ಎಂದು ನೋಡಲು ಬಿಡದಂಥ ಮೀಸೆ. ತನಿಖೆಗೆ ಬಂದವರು ನುಜ್ಜುಗುಜ್ಜಾದ ಲಾರಿಯ ಸುತ್ತ ಒಂದು ಸುತ್ತು ಹಾಕಿ, "ಬ್ರೇಕ್ ಫೇಲ್" ಎಂದು ಬರೆದುಕೊಂಡು ಹೋದರು. ಮೀಸೆ ಆಸ್ಪತ್ರೆಯಿಂದ ಬಂದ ಮೇಲೆ ಕೋಲು ಹಿಡಿದು ನಡೆಯತೊಡಗಿದ, ಉಗ್ರಾಣದ ಎದುರಿನ ಟೈರ್ ಅಂಗಡಿಯಲ್ಲಿ ಬಿಲ್ಲು ಬರೆಯುವ ಕೆಲಸ ಹಿಡಿದ. ಕೇಳಿದವರಿಗೂ ಕೇಳದವರಿಗೂ ಅವನು ಹೇಳುತ್ತಿದ್ದುದು ಒಂದೇ ಮಾತು: "ಬ್ರೇಕ್ ಇಲ್ದಿದ್ರೂ ಲಾರೀನ ಬಂಡೆ ಕಡೆಗೇ ತಿರುಗಿಸಿದ ಕಣ್ರೋ. ಆ ಕಡೆ ಬಿಟ್ಟಿದ್ರೆ ಕಣಿವೆಯಲ್ಲಿ ನನ್ನ ಮೀಸೆ ಹುಡುಕಬೇಕಿತ್ತು."

ಆ ಮಾತು ಕಿವಿಗೆ ಬಿದ್ದಾಗಲೆಲ್ಲ ಗೇಟಣ್ಣ ತಲೆ ತಗ್ಗಿಸುತ್ತಿದ್ದ. ಜನ ಅದನ್ನು ವಿನಯ ಎಂದುಕೊಂಡರು.

ಗೇಟಣ್ಣನ ಅಳಿಯ ಕಂಪ್ಯೂಟರ್ ರಿಪೇರಿ ಮಾಡುವವನು. ಮಾವ ಮೂಲೆ ಹಿಡಿದು ಕೂರುವುದನ್ನು ನೋಡಿ ನೋಡಿ ಬೇಸತ್ತು, ಒಂದು ಭಾನುವಾರ ಹಳೆಯ ಭಾಗಗಳನ್ನು ಕೂಡಿಸಿ ಮಾಡಿದ ಕಂಪ್ಯೂಟರನ್ನೂ, ಯಾರೋ ಗಿರಾಕಿ ಮಾರಿಹೋದ ಸ್ಟೇರಿಂಗ್ ಮತ್ತು ಪೆಡಲ್‌ಗಳನ್ನೂ ಆಟೋದಲ್ಲಿ ಹೇರಿಕೊಂಡು ಬಂದ. ಜೊತೆಗೆ ಒಂದು ಚೀಟಿ. ಅದರಲ್ಲಿ ಐದೈದು ಅಕ್ಷರಗಳ ಮೂರು ಗುಂಪು.

"ಮಾವ, ಇದು ಲಾರಿ ಓಡಿಸೋ ಆಟ. ಅಂಗಡೀಲಿ ಡಬ್ಬಿ ಸಿಗಲ್ಲ, ಕೋಡ್ ಸಿಗುತ್ತೆ. ನಿಮ್ಮ ಹೆಸರಲ್ಲಿ ಒಂದು ಖಾತೆ ತೆರೆದಿದ್ದೀನಿ. ಇಲ್ಲಿ ಒತ್ತಿ, ಕೋಡ್ ಹಾಕಿ ರಿಡೀಮ್ ಮಾಡಿದ್ರೆ ಆಟ ನಿಮ್ಮದು."

"ಕೋಡು ಹಾಕ್ತಾರಂತೆ," ಎಂದಳು ಗೇಟಣ್ಣನ ಹೆಂಡತಿ. "ಇವರಿಗೆ ಕೋಡೊಂದು ಕಮ್ಮಿ ಇತ್ತು." ಅವಳು ಆಸ್ಪತ್ರೆಯ ಲಾಂಡ್ರಿಯಲ್ಲಿ ಇಸ್ತ್ರಿ ಮಾಡುವವಳು, ದಿನವಿಡೀ ಬಿಸಿ ಆವಿಯಲ್ಲಿ ನಿಂತರೂ ನಾಲಿಗೆ ಮಾತ್ರ ಬಾಡಿರಲಿಲ್ಲ.

ಅಳಿಯ ಹೇಳಿಕೊಟ್ಟಂತೆ ಗೇಟಣ್ಣ ಒಂದು ಬೆರಳಿನಲ್ಲಿ ಹದಿನೈದು ಅಕ್ಷರ ಒತ್ತಿದ. ಹಸಿರು ಪಟ್ಟಿ ನಿಧಾನವಾಗಿ ತುಂಬಿತು. ಪರದೆಯ ಮೇಲೆ ಲಾರಿಯ ಮುಂಗಾಜು ಕಂಡಿತು, ಕನ್ನಡಿಗಳು ಕಂಡವು. ಅಷ್ಟಕ್ಕೇ ಅವನು "ಆಮೇಲೆ ನೋಡ್ತೀನಿ" ಎಂದು ಎದ್ದುಬಿಟ್ಟ. ತನಗೆ ರಜೆಯಿದ್ದು ಹೆಂಡತಿ ಕೆಲಸಕ್ಕೆ ಹೋದ ಒಂದು ದಿನ ಅವನೇ ಅದನ್ನು ಶುರು ಮಾಡಿ ಆಟದ ಲಾರಿ ಯಾರ್ಡಿನೊಳಗೆ ನಾಲ್ಕು ಮಾರು ಹೋಗಿ ನಿಲ್ಲಿಸಿದ. ತಿಂಗಳೊಪ್ಪತ್ತಿನಲ್ಲಿ ಬಯಲು ರಸ್ತೆಗೆ ಇಳಿದ. ಆ ಆಟದಲ್ಲಿ ಇದ್ದುದೆಲ್ಲ ಬಯಲೇ. ಗೆರೆ ಎಳೆದಂಥ ನೇರ ರಸ್ತೆಗಳು. ಆದ್ದರಿಂದಲೇ ಅವನು ಅದನ್ನು ಆಡಿದ್ದು.

ಆರು ತಿಂಗಳಾದ ಮೇಲೆ ಅಳಿಯ ಇನ್ನೊಂದು ಚೀಟಿ ತಂದ.

"ಇದು ಬೆಟ್ಟದ ರಸ್ತೆಗಳದ್ದು ಮಾವ. ಮೂಲ ಆಟ ಇರೋರಿಗೆ ಮಾತ್ರ ಸಿಗೋದು. ಒಂದು ಸಲ ರಿಡೀಮ್ ಮಾಡಿದ್ರೆ ಮುಗೀತು, ವಾಪಸ್ ಕೊಡೋಕಾಗಲ್ಲ."

ಗೇಟಣ್ಣ ಚೀಟಿ ತೆಗೆದುಕೊಂಡು ಜೇಬಿಗೆ ಹಾಕಿಕೊಂಡ. ಅಳಿಯ ಹೋದ ಮೇಲೆ ಅದನ್ನು ನಾಲ್ಕು ಮಡಿಕೆ ಮಾಡಿ, ಬೀರುವಿನಲ್ಲಿ ಬಟ್ಟೆಯಡಿ ಹಾಸಿದ್ದ ಪತ್ರಿಕೆಯ ಕೆಳಗೆ ತಳ್ಳಿದ. ಹರಿದು ಬಿಸಾಡಲು ಮನಸ್ಸು ಬರಲಿಲ್ಲ. ರಿಡೀಮ್ ಮಾಡುವ ಧೈರ್ಯವಂತೂ ಇರಲೇ ಇಲ್ಲ.

ಇಷ್ಟೇ ಆಗಿದ್ದರೆ ಆ ಚೀಟಿ ಅಲ್ಲೇ ಹಳದಿಯಾಗುತ್ತಿತ್ತು. ಆದರೆ ಮೀಸೆಗೆ ಕಂಪ್ಯೂಟರಿನ ಸುದ್ದಿ ಮುಟ್ಟಿತು. ಕೋಲೂರಿಕೊಂಡು ಮೂರು ಮಹಡಿ ಹತ್ತಿ ಬಂದ. ಅಳಿಯ ಅವನಿಗಾಗಿ ಎಕ್ಸಿಲರೇಟರ್, ಬ್ರೇಕ್ ಎರಡೂ ಕೈಯಲ್ಲೇ ಆಡಿಸುವಂತೆ ಮಾಡಿಕೊಟ್ಟ. ಒಂಬತ್ತು ವರ್ಷದ ಮೇಲೆ ಸ್ಟೇರಿಂಗ್ ಹಿಡಿದ ಮೀಸೆಯ ಕಣ್ಣು ತುಂಬಿತು. "ಏನಿಲ್ಲ, ಧೂಳು," ಎಂದ, ಕಿಟಕಿ ಮುಚ್ಚಿದ್ದ ಕೋಣೆಯಲ್ಲಿ. ಅಲ್ಲಿಂದ ಪ್ರತಿ ಭಾನುವಾರ ಬರತೊಡಗಿದ. ಅವನು ಓಡಿಸುವಾಗ ಗೇಟಣ್ಣ ಪಕ್ಕದ ಮಂಚದ ಮೇಲೆ ಕೂತು ನೋಡುತ್ತಿದ್ದ. ಅವು ಒಳ್ಳೆಯ ಭಾನುವಾರಗಳು.

ಒಂದು ದಿನ ಮೀಸೆ ಆಕಳಿಸುತ್ತ ಹೇಳಿದ: "ಬರೀ ಬಯಲು ಕಣೋ. ನಿದ್ದೆ ಬರುತ್ತೆ. ಘಾಟಿ ಇಲ್ವಾ ಇದ್ರಲ್ಲಿ?"

"ಇಲ್ಲ," ಎಂದ ಗೇಟಣ್ಣ.

"ಇದೆಯಲ್ಲ ಮಾವ," ಎಂದ ಅಳಿಯ ತಟ್ಟನೆ. "ಕೋಡ್ ಕೊಟ್ಟಿದ್ನಲ್ಲ."

"ಅದು ಎಲ್ಲೋ ಕಳೆದುಹೋಯ್ತು."

"ಕಳೆದ್ರೆ ಏನಂತೆ, ನನ್ನ ಮೇಲ್‌ನಲ್ಲಿ ಇರುತ್ತೆ. ಮುಂದಿನ ಭಾನುವಾರ ಬಂದು ಹಾಕಿಕೊಡ್ತೀನಿ."

ಆ ವಾರ ಗೇಟಣ್ಣ ಲಾರಿ ನಂಬರು ತಪ್ಪು ಬರೆದು ಎರಡು ಸಲ ಬೈಸಿಕೊಂಡ. ಎದುರಿನ ಟೈರ್ ಅಂಗಡಿಯಿಂದ ಮೀಸೆ ಕೈಯೆತ್ತಿದರೆ ನೋಡದವನಂತೆ ಪುಸ್ತಕದ ಮೇಲೆ ಬಗ್ಗುತ್ತಿದ್ದ. ಆ ಆಟ ಬಲು ಕರಾರುವಾಕ್ಕಾದದ್ದು. ಗೇರು, ಭಾರ, ಬ್ರೇಕಿನ ಬಿಸಿ, ಎಲ್ಲಕ್ಕೂ ಅದರಲ್ಲಿ ಲೆಕ್ಕವಿತ್ತು. ಮೀಸೆ ಹಳೆಯ ಹುಲಿ. ಅದೇ ಭಾರ, ಅದೇ ಇಳಿಜಾರು ಕಣ್ಣೆದುರು ಬಂದರೆ ಅವನ ತಲೆಯಲ್ಲಿ ಏನು ಹೊಳೆಯುತ್ತದೋ ಎಂಬುದೇ ಗೇಟಣ್ಣನ ಭಯ. ತಾನು ಮೊದಲು ಒಮ್ಮೆ ಇಳಿದು ನೋಡಿಬಿಡಬೇಕು ಎಂದು ತೀರ್ಮಾನಿಸಿದ.

ಶನಿವಾರ ಮಧ್ಯಾಹ್ನ, ಹೆಂಡತಿ ಪಾಳಿ ಮುಗಿಸಿ ಬರುವ ಹೊತ್ತಿಗೆ, ಅವನು ಚೀಟಿ ಬಿಡಿಸಿಕೊಂಡು ಕಂಪ್ಯೂಟರಿನ ಮುಂದೆ ಕೂತಿದ್ದ. ಮಡಿಕೆ ಬಿದ್ದ ಕಡೆ ಮಸಿ ಅಳಿಸಿತ್ತು. ಒಂದು ಸಲ ಹಾಕಿದ, ಕೋಡ್ ತಪ್ಪು ಎಂದಿತು. ಅಕ್ಷರ ಬದಲಾಯಿಸಿದ, ಮತ್ತೆ ತಪ್ಪು. ಹಾಗೇ ಹಾಕುತ್ತ ಹೋದ. ಕೊನೆಗೆ ಪರದೆ ಬೇರೆ ಮಾತು ಹೇಳಿತು: ತಪ್ಪು ಪ್ರಯತ್ನಗಳು ಹೆಚ್ಚಾದವು, ಒಂದು ಗಂಟೆ ಬಿಟ್ಟು ಮತ್ತೆ ಪ್ರಯತ್ನಿಸಿ.

"ಏನಾಯ್ತು ರೀ, ಮುಖ ಬಿಳಿಚಿಕೊಂಡಿದೆ?" ಎಂದಳು ಹೆಂಡತಿ, ಚಪ್ಪಲಿ ಬಿಡುತ್ತ.

ಅವನು ಪರದೆ ತೋರಿಸಿದ. ಅವಳು ಚೀಟಿ ತೆಗೆದುಕೊಂಡು ಬೆಳಕಿಗೆ ಹಿಡಿದಳು. ನೂರಾರು ಹಾಸಿಗೆ ಬಟ್ಟೆಗಳ ಮೇಲಿನ ಮಾಸಿದ ಗುರುತು ಓದುವ ಕಣ್ಣು ಅವಳದು. "ಇದು ಓ ಅಲ್ಲ, ಸೊನ್ನೆ. ಹೊಟ್ಟೆಯಲ್ಲಿ ಚುಕ್ಕೆ ಇದೆ ನೋಡಿ. ಇದಕ್ಕೆ ಇಷ್ಟು ಹೆದರೋದಾ? ಒಂದು ಗಂಟೆ ತಾನೇ, ಕಾಯೋಣ."

ಗೋಡೆ ಗಡಿಯಾರದಲ್ಲಿ ಮೂರೂ ಕಾಲು. ಇಬ್ಬರೂ ಮಂಚದ ಮೇಲೆ ಕೂತರು. ಕೆಳಗಿನ ಬೀದಿಯಲ್ಲಿ ಯಾರೋ ಶಟರ್ ಎಳೆದರು. ಮುಳ್ಳು ನಾಲ್ಕರ ಹತ್ತಿರ ಬಂದಾಗ ಗೇಟಣ್ಣ ಮಾತಾಡತೊಡಗಿದ. ಹೇಳಬೇಕೆಂದು ಹೊರಟ ಮಾತಲ್ಲ, ತಾನಾಗಿ ಬಾಯಿಗೆ ಬಂತು.

"ಬ್ರೇಕ್ ಫೇಲ್ ಆಗಿದ್ದು ನಿಜ. ಫೇಲ್ ಮಾಡಿದ್ದು ನಾನು."

ಅವಳು ತಿರುಗಿ ನೋಡಿದಳು.

"ಮೇಲಿನ ತಿರುವಲ್ಲೇ ಗೇರ್ ತೆಗೆದು ನ್ಯೂಟ್ರಲ್‌ಗೆ ಹಾಕಿದ್ದೆ. ಡೀಸೆಲ್ ಉಳಿಯುತ್ತೆ ಅಂತ ಎಲ್ರೂ ಹಾಗೇ ಮಾಡ್ತಿದ್ರು. ಭಾರಕ್ಕೆ ಲಾರಿ ಓಡೋಕೆ ಶುರುವಾಯ್ತು. ಬ್ರೇಕ್ ಒತ್ತಿದೆ, ಒತ್ತಿದೆ, ಸುಟ್ಟ ವಾಸನೆ ಬಂತು. ಆಮೇಲೆ ಪೆಡಲ್ ಒತ್ತಿದ್ರೂ ಲಾರಿ ಕೇಳ್ಲಿಲ್ಲ. ಗೇರ್ ಹಾಕೋಕೆ ನೋಡಿದ್ರೆ ಕಚ್ಚಲಿಲ್ಲ. ಅವನು ಹಿಂದೆ ಗೊರಕೆ ಹೊಡೀತಿದ್ದ."

ಹೆಂಡತಿ ಎದ್ದು ಅಡುಗೆಮನೆಗೆ ಹೋಗಿ ತೊಳೆದಿಟ್ಟಿದ್ದ ಲೋಟಗಳನ್ನೇ ಮತ್ತೆ ತೊಳೆದಳು. ಅಲ್ಲಿಂದಲೇ ಕೇಳಿದಳು: "ಅವನ ಹೆಂಡತಿ ನನ್ನ ಕೈ ಹಿಡ್ಕೊಂಡು, ನಿಮ್ಮೆಜಮಾನ್ರಿಂದ ನನ್ನ ಗಂಡ ಉಳಿದ ಅಂದಿದ್ಲು. ಆವತ್ತು ನೀವು ಅಲ್ಲೇ ಇದ್ರಿ. ಅಲ್ವಾ?"

"ಇದ್ದೆ."

ನೀರಿನ ಸದ್ದು ನಿಂತಿತು. ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತ ಬಂದು ಗಡಿಯಾರ ನೋಡಿದಳು. "ಗಂಟೆ ಆಯ್ತು. ನಾನು ಓದ್ತೀನಿ, ನೀವು ಒತ್ತಿ."

ಈ ಸಲ ಕೋಡ್ ಒಪ್ಪಿಕೊಂಡಿತು. ಪಟ್ಟಿ ತುಂಬಲು ನಲವತ್ತು ನಿಮಿಷ ಹಿಡಿಯಿತು. ಸಿಮೆಂಟ್ ಹೊರೆ ಆರಿಸಿಕೊಂಡು ಅವನು ಬೆಟ್ಟದ ತಲೆಯ ಮೇಲೆ ನಿಂತ. ಪರದೆಯ ಎಡಕ್ಕೆ ಕಣಿವೆ, ಬಲಕ್ಕೆ ಬಂಡೆ. ಎರಡನೇ ಗೇರಿಗೆ ಹಾಕಿ, ಇಳಿಸಿದ. ಎಂಜಿನ್ ಗೊಣಗಿತು, ಲಾರಿಯನ್ನು ಹಿಡಿದುಕೊಂಡಿತು. ಒಂದು ತಿರುವು, ಎರಡು, ಐದು, ಏಳು. ಬ್ರೇಕನ್ನು ಮೂರು ನಾಲ್ಕು ಸಲ ಮುಟ್ಟಿದ್ದನಷ್ಟೆ. ಹನ್ನೊಂದು ನಿಮಿಷದಲ್ಲಿ ಲಾರಿ ಕೆಳಗಿನ ಸೇತುವೆ ದಾಟಿ ನಿಂತಿತು.

ಏನೂ ಆಗಲಿಲ್ಲ. ಇಷ್ಟು ಸಲೀಸಾಗಿ ಇಳಿಯಬಹುದಾಗಿತ್ತು ಎಂಬುದನ್ನು ನೋಡಿ ಅವನು ಸ್ಟೇರಿಂಗ್ ಬಿಟ್ಟು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡ. ಗುದ್ದಿದ್ದರೆ ಅಷ್ಟು ಭಯವಾಗುತ್ತಿರಲಿಲ್ಲ.

"ನಾಳೆ ಬರ್ತಾನಲ್ಲ," ಎಂದಳು ಹೆಂಡತಿ. "ನೀವು ಹೇಳ್ತೀರೋ, ನಾನು ಹೇಳ್ಲೋ?"

ಭಾನುವಾರ ಮೀಸೆ ಗುಂಗುರು ಕೂದಲಿಗೆ ಎಣ್ಣೆ ಹಚ್ಚಿ, ಮದುವೆಗೆ ಹೊರಟವನಂತೆ ಬಂದ. ಅಳಿಯ ಬರುವುದಿತ್ತು, ಗೇಟಣ್ಣನ ಹೆಂಡತಿ ಫೋನ್ ಮಾಡಿ ಇವತ್ತು ಬೇಡ ಎಂದಿದ್ದಳು. ಮೀಸೆ ಸ್ಟೇರಿಂಗ್ ಹಿಡಿದು ಬೆಟ್ಟದ ತಲೆಯ ಮೇಲೆ ಲಾರಿ ನಿಲ್ಲಿಸಿ, ಸುತ್ತ ನೋಡಿದ. "ಅಬ್ಬ, ಚೆನ್ನಾಗಿ ಮಾಡಿದ್ದಾರೆ ಕಣೋ." ಎರಡು ತಿರುವು ಇಳಿದ. ಮೂರನೆಯದಕ್ಕೆ ಮುಂಚೆ ನಿಲ್ಲಿಸಿ ತಮಾಷೆಗೆ ಹೇಳಿದ: "ಇಲ್ಲಿಂದ ನ್ಯೂಟ್ರಲ್‌ಗೆ ಬಿಟ್ರೆ ಏನಾಗುತ್ತೆ, ನೋಡೋಣ್ವಾ?"

"ಬೇಡ."

ಗೇಟಣ್ಣನ ಕೈ ಮೀಸೆಯ ಮಣಿಕಟ್ಟಿನ ಮೇಲಿತ್ತು. ಅಷ್ಟು ಬಿಗಿಯಾಗಿ ಹಿಡಿದದ್ದು ಅವನಿಗೇ ತಿಳಿದಿರಲಿಲ್ಲ. ಮೀಸೆ ಆ ಕೈ ನೋಡಿದ, ಆಮೇಲೆ ಮುಖ ನೋಡಿದ. ನಗು ಇನ್ನೂ ಮೀಸೆಯ ತುದಿಯಲ್ಲಿ ಉಳಿದಿತ್ತು, ಮೆಲ್ಲಗೆ ಆರಿತು.

"ನಾನು ಬಿಟ್ಟಿದ್ದೆ," ಎಂದ ಗೇಟಣ್ಣ. "ಆವತ್ತು."

"ಎಲ್ಲಿಂದ?"

"ಮೇಲಿಂದಾನೇ."

ಪರದೆಯಲ್ಲಿ ಲಾರಿಯ ಎಂಜಿನ್ ಗುರುಗುಟ್ಟುತ್ತಲೇ ಇತ್ತು. ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಹೆಂಡತಿ ಕದಲಲಿಲ್ಲ.

"ಬಂಡೆಗೆ ಗುದ್ದೋ ತನಕ ಎಷ್ಟು ಹೊತ್ತಾಗಿರಬಹುದು?" ಎಂದ ಮೀಸೆ. ದನಿಯಲ್ಲಿ ಸಿಟ್ಟಿರಲಿಲ್ಲ, ಬಿಲ್ಲಿನಲ್ಲಿ ಎಷ್ಟು ಬರೆಯಲಿ ಎಂದು ಕೇಳುವವನಂತಿದ್ದ.

"ಎರಡು ನಿಮಿಷ. ಇನ್ನೂ ಜಾಸ್ತಿ ಇರಬಹುದು."

"ಎರಡು ನಿಮಿಷ ಇತ್ತಲ್ಲ. ನನ್ನನ್ನ ಎಬ್ಬಿಸಬೇಕಿತ್ತು."

ಎಬ್ಬಿಸಿದರೆ ಬೈಯುತ್ತಾನೆಂದು ಗೇಟಣ್ಣ ಹೆದರಿದ್ದ ಎಂಬುದೇ ನಿಜ. ಅಷ್ಟು ಚಿಕ್ಕ ಭಯಕ್ಕೆ ಅಷ್ಟು ದೊಡ್ಡದು ಆಗಿಹೋಗಿತ್ತು. ಅದನ್ನೂ ಹೇಳಿದ. ಮೀಸೆ ಕೋಲು ತೆಗೆದುಕೊಂಡು ಎದ್ದ. ಮೆಟ್ಟಿಲ ಮೇಲೆ ಕೋಲಿನ ಸದ್ದು ಮೂರು ಮಹಡಿಯೂ ಕೇಳಿಸಿತು. ಇಳಿಯಲು ಆಸರೆಗೆ ಹೋಗಬೇಕೆಂದು ಗೇಟಣ್ಣ ಬಾಗಿಲವರೆಗೆ ಬಂದು, ಅಲ್ಲೇ ನಿಂತ.

ಅದರ ಮರುದಿನದಿಂದ ಬೇರೆ ಭಯ ಶುರುವಾಯಿತು. ಮೀಸೆ ಎಲ್ಲರಿಗೂ ಹೇಳುತ್ತಾನೆ, ಕೇಸು ಹಾಕುತ್ತಾನೆ, ಅವನ ಹೆಂಡತಿ ಗೇಟಿಗೆ ಬಂದು ಉಗಿಯುತ್ತಾಳೆ. ಗೇಟಿಗೆ ಬಂದ ಪ್ರತಿ ಡ್ರೈವರನ ಮುಖವನ್ನೂ ಗೇಟಣ್ಣ ಓದತೊಡಗಿದ. ಯಾರ ಮುಖದಲ್ಲೂ ಏನೂ ಇರಲಿಲ್ಲ. ಎದುರಿನ ಅಂಗಡಿಯಲ್ಲಿ ಮೀಸೆ ಕುರ್ಚಿ ತಿರುಗಿಸಿಕೊಂಡು, ಬೀದಿಗೆ ಬೆನ್ನು ಹಾಕಿ ಕೂರುತ್ತಿದ್ದ. ಅಷ್ಟೇ ಆದದ್ದು. ಆದರೆ ಬಂಡೆಯ ಕಡೆಗೆ ತಿರುಗಿಸಿದ ಕತೆಯನ್ನು ಅವನು ಯಾರಿಗೂ ಹೇಳುವುದು ನಿಂತುಹೋಯಿತು. ಹೊಸ ಹುಡುಗರು ಕಾಲಿಗೇನಾಯಿತು ಎಂದು ಕೇಳಿದರೆ "ಹಳೇದು" ಎನ್ನುತ್ತಿದ್ದನಂತೆ.

ಏಳು ಭಾನುವಾರ ಕಳೆದವು. ಎಂಟನೆಯ ಭಾನುವಾರ ಮಧ್ಯಾಹ್ನ ಕೋಲಿನ ಸದ್ದು ಕೇಳಿದಾಗ ಗೇಟಣ್ಣನ ಹೆಂಡತಿ ಇಸ್ತ್ರಿ ಪೆಟ್ಟಿಗೆಯನ್ನು ಎತ್ತಿ ಪಕ್ಕಕ್ಕಿಟ್ಟಳು. ಗೇಟಣ್ಣ ಎದ್ದು ನಿಂತ.

ಮೀಸೆ ಒಳಗೆ ಬಂದು ಏದುಸಿರು ಬಿಡುತ್ತ ಮಂಚದ ಮೇಲೆ ಕೂತ. ನೀರು ಕೇಳಿ ಕುಡಿದ. ಯಾರ ಮುಖವನ್ನೂ ನೋಡದೆ ಹೇಳಿದ: "ಹೆಂಡತಿಗೆ ಹೇಳಿದೀನಿ. ಅವಳು ನಿನ್ನ ಮನೆ ಮೆಟ್ಟಿಲು ಹತ್ತಲ್ಲ ಅಂದಿದ್ದಾಳೆ. ಹತ್ತಲ್ಲ ಅಂದ್ರೆ ಹತ್ತಲ್ಲ, ಅವಳು ಹಾಗೇ."

"ಸರಿ," ಎಂದ ಗೇಟಣ್ಣ.

"ನಂಗೂ ಇನ್ನೂ ಸಿಟ್ಟಿದೆ."

"ಸರಿ."

"ಏನು ಸರಿ? ಎಲ್ಲದಕ್ಕೂ ಸರಿ ಅಂತೀಯ. ಹಾಕು ಅದನ್ನ."

ಅವತ್ತು ಮೀಸೆ ಬೆಟ್ಟದ ರಸ್ತೆಯನ್ನು ಮೂರು ಸಲ ಇಳಿದ. ಗೇಟಣ್ಣ ಪಕ್ಕದಲ್ಲಿ ಕೂತು ಪ್ರತಿ ತಿರುವಿಗೂ ಇಲ್ಲದ ಬ್ರೇಕನ್ನು ಕಾಲಿನಿಂದ ಒತ್ತಿದ. ಹೋಗುವಾಗ ಮೀಸೆ ಮೆಟ್ಟಿಲ ತಲೆಯಲ್ಲಿ ನಿಂತು, ತಿರುಗದೆಯೇ, ಎಡಗೈಯನ್ನು ಸ್ವಲ್ಪ ಹಿಂದಕ್ಕೆ ಚಾಚಿದ. ಗೇಟಣ್ಣ ಆ ಕೈ ಹಿಡಿದು ಮೂರು ಮಹಡಿ ಇಳಿಸಿದ.

ಈಗಲೂ ಅವನು ಗೇಟಿನಲ್ಲೇ ಇದ್ದಾನೆ, ಈಗಲೂ ಯಾರ ಲಾರಿಯ ಕೀಯನ್ನೂ ಮುಟ್ಟುವುದಿಲ್ಲ. ಮೀಸೆ ಕೆಲವು ಭಾನುವಾರ ಬರುತ್ತಾನೆ, ಕೆಲವು ಭಾನುವಾರ ಬರುವುದಿಲ್ಲ. ಮಧ್ಯಾಹ್ನ ಮೂರು ದಾಟಿದರೂ ಮೆಟ್ಟಿಲ ಮೇಲೆ ಸದ್ದು ಕೇಳದ ದಿನ ಗೇಟಣ್ಣ ಬಾಗಿಲಿಗೂ ಕಿಟಕಿಗೂ ಓಡಾಡುತ್ತಾನೆ. ಹೆಂಡತಿ ಸುಮ್ಮನೆ ಕೂರಿ ಎಂದು ಗದರಿಸುತ್ತಾಳೆ, ಆಮೇಲೆ ತಾನೂ ಒಮ್ಮೆ ಬಗ್ಗಿ ಬೀದಿ ನೋಡುತ್ತಾಳೆ.