ಓಝೀಟ್ ಅತ್ತಿಗೆ ಕೀಳದೆ ಬಿಟ್ಟ ಹನ್ನೊಂದು ಎಲೆ

ನೀನು ಕೇಳಿದ್ದು ಒಳ್ಳೇದೇ ಆಯ್ತು ಬಿಡು, ಎದುರು ಮನೆ ಹಿತ್ತಲಲ್ಲಿರೋ ಆ ಮರ ಯಾರು ನೆಟ್ಟಿದ್ದು ಅಂತ. ಕೂತ್ಕೊ. ಕಾಲು ಅಲ್ಲಾಡಿಸ್ಬೇಡ, ನಂಗೆ ಕಥೆ ಮರೆತೋಗುತ್ತೆ.

ನಿಮ್ಮ ತಾತ ವಾಲ್ಸಿನ್‌ನ ದೊಡ್ಡಕ್ಕ ಓಝೀಟ್ ಆ ಮನೇಲಿ ಇದಾರಲ್ಲ, ನೀನು ನೋಡಿರೋದು ಕುರ್ಚಿ ಬಿಟ್ಟೇಳದ ಮುದುಕೀನ. ನಾನು ನೋಡಿದ್ದು ಒನಕೆ ಹಿಡಿದ ಓಝೀಟ್ ಅತ್ತಿಗೇನ. ಈ ಕೇನ್ ನದಿ ದಂಡೇಲಿ ಯಾರ ಮನೇಲೇ ಗಂಬೋ ಸಾರು ಕುದೀಲಿ, ಅದನ್ನ ಮಂದ ಮಾಡೋಕೆ ಬೀಳೋ ಫಿಲೇ ಪುಡಿ ಅವ್ರ ಕೈದೇ. ಸಸಾಫ್ರಸ್ ಮರದ ಎಲೆ ಕಿತ್ತು, ನೆರಳಲ್ಲಿ ಒಣಗಿಸಿ, ಸೈಪ್ರೆಸ್ ಮರದ ಬೊಡ್ಡೆ ಕೊರೆದ ಒರಳಲ್ಲಿ ಕುಟ್ಟಿ, ವಸ್ತ್ರಗಾಳ ಹಿಡೀಬೇಕು. ಸಾರಿಗೆ ಹಾಕೋದು ಉರಿ ಆರಿಸಿದ್ಮೇಲೇ. ಅದು ಗೊತ್ತಿಲ್ದೆ ನಾನು ಮದುವೆಯಾದ ಹೊಸದ್ರಲ್ಲಿ ಕುದಿಯೋ ಪಾತ್ರೆಗೇ ಸುರಿದೆ. ಸಾರೆಲ್ಲ ಅಂಟು ಅಂಟು, ಮಾವ ಚಮಚ ಎತ್ತಿದ್ರು, ಬಟ್ಲೂ ಜೊತೇಲೇ ಎದ್ದು ಬಂತು! ಅವತ್ತಿಂದ ಅತ್ತಿಗೆ ನನ್ನನ್ನ ಈರುಳ್ಳಿ ಹೆಚ್ಚೋ ಹಲಗೆಗೆ ಕಟ್ಟಿ ಹಾಕಿದ್ರು ಅನ್ನು.

ಮದುವೆ ಯಾಕೆ ಮಾಡ್ಕೊಳ್ಳಲಿಲ್ಲ ಅಂತ ಅತ್ತಿಗೇನ ಯಾರಾದ್ರೂ ಕೇಳಿದ್ರೆ "ಪುರುಸೊತ್ತಾಗ್ಲಿಲ್ಲ" ಅನ್ನೋರು.

ಆಗ ಅವ್ರ ಮರ ಇದ್ದದ್ದು ದಿಬ್ಬದ ಮೇಲೆ, ಹಳೇ ಬೇಲಿ ಪಕ್ಕ, ಏಳು ಮರ. ಒಂದೇ ಮರದಲ್ಲಿ ಮೂರು ಥರ ಎಲೆ ಬಿಡುತ್ತೆ ನೋಡು. ಒಂದು ಮೊಟ್ಟೆ ಥರ, ಒಂದು ಹೆಬ್ಬೆರಳಿರೋ ಕೈಗವಸಿನ ಥರ, ಇನ್ನೊಂದಕ್ಕೆ ಮೂರು ಬೆರಳು. "ನಮ್ಮಮ್ಮನ ಮಕ್ಕಳಂಗೇ, ಒಬ್ಬರಂಗೆ ಒಬ್ಬರಿಲ್ಲ" ಅನ್ನೋರು ಅತ್ತಿಗೆ. ಕೀಳೋದು ವರ್ಷಕ್ಕೆ ಒಂದೇ ದಿನ. ಆಗಸ್ಟ್ ಹದಿನೈದು, ಮೇರಿ ಮಾತೆ ಸ್ವರ್ಗ ಸೇರಿದ ಹಬ್ಬ. ಬೆಳಗಿನ ಪೂಜೆ ಮುಗಿಸಿ, ಖಾಲಿ ಹೊಟ್ಟೇಲೇ ದಿಬ್ಬ ಹತ್ತೋರು.

ಒಂದು ಸೆಪ್ಟೆಂಬರಲ್ಲಿ ಸುದ್ದಿ ಬಂತು, ಆ ಬೇಲಿ ಉದ್ದಕ್ಕೂ ರಸ್ತೆ ಬರುತ್ತೆ, ಬರೋ ವರ್ಷ ಡಿಸೆಂಬರ್‌ಗೆ ಮರ ಕಡೀತಾರೆ ಅಂತ. ಅವತ್ತು ಅತ್ತಿಗೆ ತಟ್ಟೆ ಮುಟ್ಟಲಿಲ್ಲ. "ಎಲೆ ಇಲ್ದೆ ಹೋದ್ರೆ ನನ್ನ ಬಾಗಿಲಿಗೆ ಯಾರು ಬರ್ತಾರೆ ಎಲ್ವೀನಾ?" ಅಂದ್ರು. ಮನೆಗೆ ಬಂದು ಒಂಬತ್ತು ವರ್ಷ ಆಗಿತ್ತು ನಂಗೆ. ಅವ್ರು ನನ್ನ ಹತ್ರ ಈರುಳ್ಳಿ ಬಿಟ್ಟು ಬೇರೆ ಮಾತಾಡಿದ್ದು ಅದೇ ಮೊದಲು.

ಮರಗಳ ಬುಡದಲ್ಲಿ ಮರಿಗಿಡ ಬೇಕಾದಷ್ಟಿದ್ವು. ಅತ್ತಿಗೆ ಮೂರು ಕಿತ್ತು ತಂದು ಮನೆ ಹಿತ್ತಲಲ್ಲಿ ನೆಟ್ರು. ಹೋದ್ವು. ಇನ್ನೆರಡು ತಂದು, ಬುಡಕ್ಕೆ ಮೀನಿನ ತಲೆ ಹೂತು, ಚರ್ಚಿನ ತೀರ್ಥ ಚಿಮುಕಿಸಿದ್ರು. ಅವೂ ಒಣಗಿದ್ವು.

"ಪಾದ್ರೀನ ಕರೆಸಿ ಕೊನೇ ಜಪ ಹೇಳಿಸೋದೊಂದೇ ಬಾಕಿ ಅಕ್ಕಾ" ಅಂದ್ರು ನಿಮ್ಮ ತಾತ.

"ಬಾಯ್ಮುಚ್ಚೋ ವಾಲ್ಸಿನ್! ತಲೇಲಿ ನಾಲ್ಕು ಕೂದ್ಲು ನಿಲ್ಲಿಸ್ಕೊಳಕ್ಕಾಗ್ಲಿಲ್ಲ, ನನ್ನ ಗಿಡದ ಮಾತಾಡ್ತಾನೆ!"

ಆಗ ಗುಡ್ಡದ ಕಡೆಯಿಂದ ಪೈನ್ ಸೌದೆ ಮಾರೋಕೆ ಝೆನೋನ್ ಅನ್ನೋ ಮುದುಕ ಬರ್ತಿದ್ದ. ಒಣಗಿದ ಗಿಡ ಎತ್ತಿ ತಿರುಗಿಸಿ ನೋಡಿದ.

"ಇದು ಬೀಜದ ಗಿಡ ಅಲ್ಲ ತಾಯಿ. ದೊಡ್ಡ ಮರದ ಬೇರಿಂದ ಎದ್ದಿರೋದು. ಊಟ ಎಲ್ಲ ತಾಯಿ ಮನೇದು, ಇದಕ್ಕೆ ಸ್ವಂತ ಬೇರೇ ಇಲ್ಲ. ಕೀಳ್ಬೇಡಿ. ಸುತ್ತ ಸಲಿಕೆ ಇಳಿಸಿ ದೊಡ್ಡ ಮರದಿಂದ ಬರೋ ಬೇರು ಕಡಿದು, ಅಲ್ಲೇ ಒಂದು ವರ್ಷ ಬಿಡಿ. ತಾನೇ ಉಣ್ಣೋದು ಕಲ್ತ ಮೇಲೆ ಎತ್ತಿ."

ಅದು ಫೆಬ್ರವರಿ. ವರ್ಷ ತುಂಬೋದು ಮುಂದಿನ ಫೆಬ್ರವರಿಗೆ, ಕಡಿಯೋರು ಬರೋದು ಡಿಸೆಂಬರ್‌ಗೆ. ಆದ್ರೂ ಅತ್ತಿಗೆ ಒಂದು ಗಿಡದ ಸುತ್ತ ಸಲಿಕೆ ಇಳಿಸೇ ಬಿಟ್ರು.

ಡಿಸೆಂಬರ್‌ನಲ್ಲಿ ದಿಬ್ಬಕ್ಕೆ ಮರ ಕಡಿಯೋ ಯಂತ್ರ ಬಂತು. ಅತ್ತಿಗೆ ಭಾನುವಾರದ ಟೋಪಿ ಇಟ್ಕೊಂಡು, ಗಂಬೋ ಪಾತ್ರೆ ಹೊತ್ಕೊಂಡು ರಸ್ತೆ ಕೆಲಸದ ಮೇಸ್ತ್ರಿ ಹತ್ರ ಹೋದ್ರು. ಹಿಂದೆ ಅನ್ನದ ಪಾತ್ರೆ ಹಿಡ್ಕೊಂಡು ನಾನು.

"ಏನಮ್ಮಾ ಇದು, ಲಂಚವಾ?" ಅಂದ ಅವನು.

"ಲಂಚ ಆಗಿದ್ರೆ ಅನ್ನ ಯಾಕೆ ತರ್ತಿದ್ದೆ? ಊಟ. ಆ ಪುಟ್ಟ ಗಿಡ ಎರಡು ತಿಂಗಳು ಬಿಟ್ಟಿರಿ."

ಅವನು ಎರಡು ಬಟ್ಲು ತಿಂದ. ಮೂರನೇದಕ್ಕೆ ಕೈ ಚಾಚಿ, "ಗುರುವಾರ ಗುರುವಾರ ತರ್ತೀರಾದ್ರೆ ಆ ಗಿಡದ ಕಡೆ ಕೆಲಸ ಕೊನೇಗೇ ಮಾಡ್ತೀನಿ" ಅಂದು, ಗಿಡಕ್ಕೆ ಕೆಂಪು ಬಟ್ಟೆ ಕಟ್ಟಿದ.

ಫೆಬ್ರವರೀಲಿ ಎತ್ತಿದ್ವಿ. ಮಣ್ಣು ಉದುರದ ಹಾಗೆ ಗೋಣಿತಟ್ಟು ಸುತ್ತಿ, ಟ್ರಕ್ಕಲ್ಲಿ ಮನೆವರೆಗೂ ನನ್ನ ಮಡ್ಲಲ್ಲೇ. "ಸಲೀಸಾಗಿ ಹಿಡ್ಕೊಳೇ, ನಿನ್ನ ಮಗೂನೂ ಇಷ್ಟು ಒರಟಾಗಿ ಹಿಡೀಲಿಲ್ಲ ನೀನು" ಅಂತ ದಾರಿಯುದ್ದಕ್ಕೂ ಬೈಗುಳ.

ಏಪ್ರಿಲ್‌ನಲ್ಲಿ ಚಿಗುರ್ತು ಕಣೇ! ಆಗಸ್ಟ್ ಹದಿನೈದಕ್ಕೆ ಹನ್ನೊಂದು ಎಲೆ. ದಿಬ್ಬದ ಮೇಲೆ ಒಂದು ಮರಾನೂ ಉಳಿದಿರಲಿಲ್ಲ. ಅತ್ತಿಗೆ ಪೂಜೆ ಮುಗಿಸಿ, ಖಾಲಿ ಹೊಟ್ಟೇಲಿ, ಬುಟ್ಟಿ ಹಿಡ್ಕೊಂಡು ಗಿಡದ ಮುಂದೆ ನಿಂತ್ರು. ನಲವತ್ತು ವರ್ಷದಲ್ಲಿ ಆ ದಿನ ತಪ್ಪಿಸಿದೋರಲ್ಲ. ಬಗ್ಗಿ ಒಂದು ಎಲೆ ಸವರಿ, ಬೆರಳು ಮೂಸ್ಕೊಂಡ್ರು.

"ಎಲ್ವೀನಾ, ಬೆಂಡೆಕಾಯಿ ಇದೆಯಾ?"

"ಇದೆ ಅತ್ತಿಗೆ."

"ಹೋಗಿ ಹೆಚ್ಚು. ಈ ವರ್ಷ ಪುಡಿ ಬದ್ಲು ಬೆಂಡೆಕಾಯಿ ಗಂಬೋನೇ."

ಅಂಗಳಕ್ಕೆ ಬಂದು ಖಾಲಿ ಬುಟ್ಟಿ ಬೋರಲು ಹಾಕಿ ಅದರ ಮೇಲೇ ಕೂತ್ಬಿಟ್ರು. ನಾನು ಒಳಗೆ ಹೋಗಿ ಬೆಂಡೆಕಾಯಿ ಹೆಚ್ತಾನೇ ಕಣ್ಣೀರು ಹಾಕಿದೆ. ಈರುಳ್ಳಿ ಮೇಲೆ ತಪ್ಪು ಹಾಕೋಕೂ ಆಗಲ್ಲ, ಅದನ್ನ ಇನ್ನೂ ಹೆಚ್ಚಿರಲಿಲ್ಲ.

ಮೂರು ವರ್ಷ ಒಂದೆಲೇನೂ ಕೀಳಲಿಲ್ಲ. ಪುಡಿ ಇಲ್ಲ ಅಂತ ಗೊತ್ತಿದ್ರೂ ಜನ ಬರೋದು ನಿಲ್ಲಿಸ್ಲಿಲ್ಲ. "ಈ ಸಲ ಎಷ್ಟು ಎಲೆ ಓಝೀಟ್?" ಅಂತ ಹಿತ್ತಲಿಗೇ ನುಗ್ಗೋರು. ಎಣಿಸಿ, ಕಾಫಿ ಕುಡಿದು ಹೋಗೋರು. ನಾಲ್ಕನೇ ವರ್ಷ ಅರ್ಧ ಬುಟ್ಟಿ ಕಿತ್ರು. ಆಮೇಲೆ ಅದು ಸೂರು ಮೀರಿ ಬೆಳೀತು.

ಈಗ ಅವ್ರಿಗೆ ಕಣ್ಣು ಕಾಣಲ್ಲ, ಕುಟ್ಟೋಳು ನಾನು. ನೋಡು, ಆ ಪುಡಿ ಬಾಟ್ಲಿ ತಗೊಂಡು ರಸ್ತೆ ದಾಟಿ ಅವ್ರ ಹತ್ರ ಹೋಗು. ಮುಚ್ಚಳ ತೆಗೆದು ಮೊದ್ಲು ಅವ್ರ ಮೂಗಿನ ಹತ್ರ ಹಿಡಿ. ಪುಡಿ ದಪ್ಪ ಆಗಿದೆ ಅಂತಾರೆ, ಎದುರಾಡ್ಬೇಡ. ಬೆರಳಲ್ಲಿ ಉಜ್ಜಿ ನೋಡಲಿ, ನಿಧಾನವಾಗಿ ಬೈಯಲಿ. ಬರ್ತಾ ಅವ್ರ ಹಿತ್ತಲ ಗೇಟು ಹಾಕ್ಕೊಂಡು ಬಾ, ಕೋಳಿ ನುಗ್ತವೆ.