ಮಗಳ ಬಾಗಿಲಿಗೆ ಹೋಗದ ಊರು

ಮೊನ್ನೆ ತಾಂಡೂರಿನ ನಮ್ಮ ಓಣಿಯಲ್ಲಿ ಒಬ್ಬ ಬಸುರಿ ಹುಡುಗಿಗೆ ಕುಬಸ ಮಾಡಿದರು. ಬಗ್ಗಿ ಆಕೆಯ ಉಡಿಗೆ ಅಕ್ಕಿ ಹಾಕುವಾಗ ಅರಿಶಿನ, ಒಣಕೊಬ್ಬರಿ, ಮಡಿಕೆ ಬಿಚ್ಚದ ಹೊಸ ಖಣದ ಗಂಜಿ, ಮೂರೂ ಕೂಡಿದ ಆ ವಾಸನೆ ಮೂಗಿಗೆ ಬಡಿಯಿತು. ನನ್ನ ಕೈ ಅಲ್ಲೇ ನಿಂತುಬಿಟ್ಟಿತು. "ಹಾಕ್ರೀ ಟೀಚರಮ್ಮ, ನಮ್ಮ ಪಾಳಿನೂ ಬರಲಿ" ಎಂದು ಹಿಂದಿನವರು ಚೇಷ್ಟೆ ಮಾಡಿದರು. ನಾನೂ ನಕ್ಕೆ. ಆದರೆ ಆಗ ನನ್ನ ಕಣ್ಣ ಮುಂದೆ ಇದ್ದವರು ಆ ಬಸುರಿ ಹುಡುಗಿಯಲ್ಲ, ನಮ್ಮ ಎದುರು ಮನೆಯ ಅತ್ತಿ...

ನಾರಾಯಣಖೇಡದ ಕಡೆ ನಮ್ಮ ಊರು. ಅತ್ತಿ ಅಂದರೆ ರಕ್ತಸಂಬಂಧವೇನಲ್ಲ. ಅಪ್ಪ ಅವರನ್ನು ತಂಗಿ ಎಂದು ಕರೆಯುತ್ತಿದ್ದ, ಹಾಗಾಗಿ ನನಗೂ ನನ್ನ ತಂಗಿಗೂ ಅವರು ಅತ್ತಿ. ಅವರನ್ನು ಜಹೀರಾಬಾದಿನ ಹತ್ತಿರದ ಹಳ್ಳಿಗೆ ಕೊಟ್ಟಿದ್ದರು. ಅಲ್ಲಿ ಸಜ್ಜೆ, ನವಣೆ, ಸಾವೆಯ ಬೀಜ ಕೂಡಿಡುವ ಹೆಂಗಸರ ಸಂಘವೊಂದಕ್ಕೆ ಸೇರಿಕೊಂಡರು. ಹಗಲೆಲ್ಲ ಹೊಲ, ಸಂಜೆ ಸಂಘ. ಮಾತು ಚುರುಕು, ಹೆದರಿಕೆ ಕಮ್ಮಿ. ಸಂಘದವರೇ ಸರಪಂಚ ಚುನಾವಣೆಗೆ ನಿಲ್ಲಿಸಿದರು, ಗೆದ್ದರು. ಆಮೇಲೆ ಪಕ್ಷದವರು ಹುಡುಕಿಕೊಂಡು ಬಂದು ಟಿಕೆಟ್ ಕೊಟ್ಟರು, ನಮ್ಮ ಊರೂ ಸೇರಿದ ಕ್ಷೇತ್ರಕ್ಕೆ ಶಾಸಕಿಯಾದರು. ಎರಡನೆಯ ಸಲ ಗೆದ್ದಾಗ ಮಂತ್ರಿ! ಯಾವ ಖಾತೆ ಎಂದು ನಮ್ಮ ಊರಲ್ಲಿ ಯಾರಿಗೂ ಸರಿಯಾಗಿ ಗೊತ್ತಿರಲಿಲ್ಲ. "ಖಾತಿ ಯಾವುದಾರ ಇರ್ಲಿ, ಕಾರಿನ ಮ್ಯಾಲ ಕೆಂಪು ಲೈಟು ಅದ ಇಲ್ಲೋ" ಅನ್ನುವ ಮಂದಿ ನಮ್ಮವರು.

ವೇದಿಕೆಯ ಮೇಲೆ ತೆಲುಗು, ಬಜಾರಿನಲ್ಲಿ ಉರ್ದು, ಅಡುಗೆಮನೆಯಲ್ಲಿ ನಮ್ಮ ಕನ್ನಡ. ಮೂರರಲ್ಲೂ ಅವರ ಬಾಯಿ ಒಂದೇ ಥರ ಹರಿಯುತ್ತಿತ್ತು. ಜಹೀರಾಬಾದಿನ ಮನೆಯ ಅಂಗಳದಲ್ಲಿ ವಾರಕ್ಕೊಮ್ಮೆ ಮಂದಿಯ ಅಹವಾಲು ಕೇಳುತ್ತಿದ್ದರು. ದರ್ಬಾರ್ ಎಂದೇ ಅದಕ್ಕೆ ಹೆಸರು ಬಿದ್ದಿತ್ತು. ಅಲ್ಲಿ ಅವರದೊಂದು ಕಟ್ಟುನಿಟ್ಟು ಇತ್ತು. ಏನು ಬೇಕೋ ಅದನ್ನು ಊರವರೇ ಬಂದು, ಎಲ್ಲರ ಮುಂದೆ ಎದ್ದು ನಿಂತು, ಬಾಯಿಬಿಟ್ಟು ಕೇಳಬೇಕು. ಕಿವಿಯಲ್ಲಿ ಹೇಳಿದ್ದು, ಮನೆಯ ಹಿಂಬಾಗಿಲಿನಿಂದ ಬಂದದ್ದು ನಡೆಯುತ್ತಿರಲಿಲ್ಲ. ಸರಪಂಚರಾಗಿದ್ದಾಗಲೇ "ಹೆಂಗಸು, ಎಲ್ಲಾ ತವರಿಗೆ ಸಾಗಿಸ್ತಾಳ" ಎಂಬ ಮಾತು ಕೇಳಿದ್ದರು, ಪಾಪ. ಅಂದಿನಿಂದ ಹೀಗೆ.

ಇನ್ನು ನಮ್ಮ ಊರಿನ ಕಥೆ ಕೇಳಿ. ಮಗಳಿಗೆ ಕೊಡಬೇಕು, ಮಗಳಿಂದ ತೆಗೆದುಕೊಳ್ಳಬಾರದು. ಇದು ನಮ್ಮಲ್ಲಿ ಕಲ್ಲಿನ ಮೇಲೆ ಕೆತ್ತಿದ ಮಾತು. ನನ್ನ ಅಜ್ಜ ಮಗಳ ಊರಿಗೆ ಹೋದರೆ ಬಗಲಲ್ಲಿ ರೊಟ್ಟಿ ಬುತ್ತಿ ಇಟ್ಟುಕೊಂಡೇ ಹೋಗುತ್ತಿದ್ದ. ಬೀಗರು ಎಷ್ಟು ಕೈ ಹಿಡಿದು ಎಳೆದರೂ ತಾಟಿನ ಮುಂದೆ ಕೂಡುತ್ತಿರಲಿಲ್ಲ. ಅತ್ತಿ ಒಂದು ಮನೆಯ ಮಗಳಲ್ಲ, ಇಡೀ ಊರಿನ ಮಗಳು. ಅಂದಮೇಲೆ ಇಡೀ ಊರು ಅಜ್ಜನಂತೆ ಬುತ್ತಿ ಕಟ್ಟಿಕೊಂಡು ಕೂತಿತು!

ನಮಗೆ ಬೇಕಾದದ್ದು ಒಂದಿತ್ತು. ಊರ ಸಾಲೆ ಏಳನೆಯವರೆಗೆ ಮಾತ್ರ. ಮುಂದೆ ಓದಬೇಕೆಂದರೆ ಬಸ್ಸಿಲ್ಲ, ನಡುವೆ ಹಳ್ಳ, ಗಂಡುಹುಡುಗರು ಹೇಗೋ ಹೋಗುತ್ತಿದ್ದರು, ಹುಡುಗಿಯರು ಮನೆಯಲ್ಲಿ. ನನ್ನ ಪುಣ್ಯಕ್ಕೆ ಸೋದರಮಾವ ಕೊಡಂಗಲ್ಲಿನಲ್ಲಿದ್ದ, ಅವನ ಮನೆಯಲ್ಲಿದ್ದು ಓದಿ ಟೀಚರಾದೆ. ತಂಗಿಯ ಪಾಳಿ ಬರುವ ಹೊತ್ತಿಗೆ ಮಾವ ತೀರಿಕೊಂಡಿದ್ದ. ನನಗಿಂತ ಹತ್ತು ಪಟ್ಟು ಬುದ್ಧಿ ಅವಳಿಗೆ. ಇದು ಅಕ್ಕನ ಮಮತೆಯ ಮಾತಲ್ಲ, ಟೀಚರಾಗಿ ಹೇಳುತ್ತಿದ್ದೇನೆ. ಲೆಕ್ಕ ಬಾಯಲ್ಲೇ ಮಾಡಿ ಮುಗಿಸಿ ನನ್ನ ಮುಖ ನೋಡುತ್ತ ಕೂಡುವಳು. ಅತ್ತಿ ಮಂತ್ರಿಯಾದಾಗ ಅವಳು ಏಳನೆಯದರಲ್ಲಿದ್ದಳು.

ಆ ವರ್ಷದ ನಾಗರ ಪಂಚಮಿಗೆ ಅತ್ತಿ ಬಂದರು. ಮಂತ್ರಿಯಾದರೂ ಪಂಚಮಿ ತಪ್ಪಿಸಿದವರಲ್ಲ. ಊರಬಾಗಿಲು ಅಗಸಿಯ ಹೊರಗೇ ಕಾರು ಬಿಟ್ಟು, ಪೊಲೀಸನ್ನೂ ಅಲ್ಲೇ ಕೂರಿಸಿ, ಸೆರಗು ಹೊದ್ದು ನಡೆದು ಬರುತ್ತಿದ್ದರು. ಜೋಕಾಲಿ ಜೀಕಿದರು, ಅಳ್ಳು, ಉಂಡಿ ತಿಂದರು, ನಮ್ಮ ಅಂಗಳದಲ್ಲಿ ಚಾಪೆಯ ಮೇಲೆ ಕೂತರು. ಊರ ಹಿರಿಯರೆಲ್ಲ ಸೇರಿದ್ದರು. ತಂಗಿಯನ್ನು ಹತ್ತಿರ ಕರೆದು ಬೆನ್ನು ಸವರುತ್ತ ಅಪ್ಪನನ್ನು ಕೇಳಿದರು:

"ಎಲ್ಲಾ ಊರಿನವರೂ ಬರ್ತಾರ. ನನ್ನ ತವರವರು ಒಬ್ಬರೂ ಬರಂಗಿಲ್ಲ. ಏನೂ ಬ್ಯಾಡೇನ್ರಿ ಅಣ್ಣಾ?"

"ನೀ ಬಂದೆಲ್ಲವ್ವಾ, ಅಷ್ಟ ಸಾಕು ನಮಗ."

"ಕೂಸು ಅಳದೇ ತಾಯಿ ಹಾಲು ಕೊಡಂಗಿಲ್ಲರಿ" ಎಂದು ನಕ್ಕರು ಅತ್ತಿ.

"ನೀ ನಮ್ಮ ಕೂಸು. ನಾವ್ಯಾಕ ಅಳೂಣು?" ಎಂದ ಅಪ್ಪ. ಹಿರಿಯರೆಲ್ಲ ಹೋ ಎಂದು ನಕ್ಕರು. ತಂಗಿ ಏನೋ ಹೇಳಲು ಬಾಯಿ ತೆರೆದಳು, ಅವ್ವ ಹಿಂದಿನಿಂದ ಅವಳ ತೋಳಿಗೆ ಒಂದು ಚಿವುಟಿದಳು. ಅಲ್ಲಿಗೆ ಮುಗಿಯಿತು. ಹೆಂಗಸರು ಅಕ್ಕಿ, ಒಣಕೊಬ್ಬರಿ, ಹೊಸ ಖಣ ಹಾಕಿ ಅತ್ತಿಯ ಉಡಿ ತುಂಬಿದರು, ಊರೆಲ್ಲ ಅಗಸಿಯವರೆಗೆ ಕಳಿಸಲು ಹೋಯಿತು. ಅತ್ತಿ ತಿರುಗಿ ತಿರುಗಿ ನೋಡುತ್ತ ಹೋದರು. ನಾವು ಅದನ್ನು ತವರಿನ ಮೋಹ ಎಂದುಕೊಂಡೆವು...

ಅವರು ಸುಮ್ಮನಿರಲಿಲ್ಲ. ನಮ್ಮ ಕಡೆಗೆ ಒಂದು ಹೈಸ್ಕೂಲು ಮಂಜೂರಾಗುವುದಿತ್ತು. "ಈ ವಾರ ದರ್ಬಾರಿಗೆ ಊರವರು ಬಂದು ಒಂದು ಮಾತು ಕೇಳ್ರಿ, ಉಳಿದದ್ದು ನನಗ ಬಿಡ್ರಿ" ಎಂದು ಅಪ್ಪನಿಗೆ ಆಳು ಕಳಿಸಿದರು. ನಾನು ಆಗ ರಜೆಗೆ ಬಂದಿದ್ದೆ, ನನ್ನ ಕಿವಿಯಾರೆ ಕೇಳಿದೆ. ಅಪ್ಪನ ಮುಖ ಕೆಂಪಾಯಿತು.

"ಮಗಳ ಬಾಗಲದಾಗ ಪಾಳಿ ಹಚ್ಚಿ ನಿಂತು ಕೈ ಚಾಚೋದಾ? ನಾಳಿ ಆಕಿ ಅತ್ತಿಮನಿಯವ್ರು ಏನಂದಾರು? ನಿನ್ನ ತವರವ್ರು ಬೇಡಾಕ ಬಂದಾರ ಅಂತ ಆಕಿನ್ನ ಹಂಗಿಸಂಗಿಲ್ಲೇನು? ಆಕಿ ಮಾನ ನಾವು ಕಾಯಬೇಕು."

ನಾನು ಜಗಳ ಆಡಿದೆ. ಅದು ಆಕೆಯ ಮನೆಯ ಗಂಟಲ್ಲ, ಸರಕಾರದ್ದು ಎಂದೆ. ತಂಗಿ ಉಣ್ಣುವುದನ್ನು ಬಿಟ್ಟಳು. ಅಪ್ಪ ಕೆಟ್ಟವನಾಗಿದ್ದರೆ ಎಷ್ಟು ಚೆನ್ನಾಗಿತ್ತು ಅಂತ ಈಗ ಅನ್ನಿಸುತ್ತದೆ, ಸಿಟ್ಟಾದರೂ ನೆಟ್ಟಗೆ ಬರುತ್ತಿತ್ತು. ಅವನು ಅತ್ತಿಯ ಮೇಲಿನ ಪ್ರೀತಿಗೇ ಹಾಗೆ ಮಾಡಿದ. ಊರಲ್ಲಿ ಉಳಿದವರದೂ ಅದೇ ರಾಗ. ಹಳ್ಳದಾಚೆಯ ಊರಿನವರು ಎರಡು ಟ್ರ್ಯಾಕ್ಟರ್ ತುಂಬ ಹೋಗಿ ಕೇಳಿದರು, ಹೈಸ್ಕೂಲು ಅವರಿಗೆ ಹೋಯಿತು. ಹಳ್ಳ ದಾಟಿಸಿ ಹುಡುಗಿಯರನ್ನು ನಮ್ಮಲ್ಲಿ ಯಾರೂ ಕಳಿಸಲಿಲ್ಲ. ತಂಗಿಯ ಪಾಟಿಚೀಲ ಗೂಟಕ್ಕೆ ಏರಿತು. ಬೇಗನೆ ವರ ಗೊತ್ತಾದ, ಮದುವೆಯೂ ಆಗಿ ಹೋಯಿತು.

ಮುಂದಿನ ಚುನಾವಣೆಯಲ್ಲಿ ಎದುರಾಳಿಗಳಿಗೆ ಬೇರೆ ಮಾತೇ ಬೇಕಾಗಲಿಲ್ಲ. "ಹೆತ್ತ ಊರಿಗೇ ಏನೂ ಮಾಡದಾಕಿ ನಿಮಗೇನು ಮಾಡ್ಯಾಳು?" ಎಂದು ಊರೂರಿಗೆ ಜೀಪು ಹೊಡೆದರು. ನಮ್ಮ ಊರಿನ ಸಾಲೆಯನ್ನೂ ಮಂದಿಗೆ ಕರೆತಂದು ತೋರಿಸಿದರು, ನೋಡ್ರಿ ಮಂತ್ರಿ ತವರಿನ ಸಾಲಿ ಅಂತ! ನಮ್ಮವರು ಒಂದು ಓಟು ಬಿಡದೆ ಅತ್ತಿಗೇ ಹಾಕಿದರು. ಏನು ಪ್ರಯೋಜನ? ಅತ್ತಿ ಸೋತರು. ಪಕ್ಷ ಮತ್ತೆ ಟಿಕೆಟ್ ಕೊಡಲಿಲ್ಲ, ಅಂಗಳ ಖಾಲಿಯಾಯಿತು. ಅವರ ಯಜಮಾನರೂ ತೀರಿಹೋದರು.

ಅದಾಗಿ ಎಷ್ಟೋ ವರ್ಷಕ್ಕೆ ತಾಂಡೂರಿನಲ್ಲಿ ಯಾರದೋ ಮದುವೆಗೆ ಬಂದವರು ನಮ್ಮ ಮನೆಗೆ ಬಂದರು. ನನ್ನ ಗಂಡ ಕರಣಕೋಟದ ಸಿಮೆಂಟ್ ಫ್ಯಾಕ್ಟರಿಗೆ ಡ್ಯೂಟಿಗೆ ಹೋಗಿದ್ದರು, ನಾವಿಬ್ಬರೇ ಇದ್ದೆವು. ಚಹಾ ಕೊಟ್ಟೆ. ನನ್ನ ನಾಲಿಗೆ ಮೊದಲಿನಿಂದಲೂ ತಡೆಯುವುದಲ್ಲ, ಕೇಳಿಯೇ ಬಿಟ್ಟೆ: "ಅತ್ತಿ, ಆ ಹೈಸ್ಕೂಲು ನೀವಾರ ಹಂಗೇ ಕೊಟ್ಟುಬಿಡಬೇಕಿತ್ತಲ್ರಿ?"

ಅತ್ತಿ ಕಪ್ಪನ್ನು ಕೆಳಗಿಟ್ಟರು.

"ನಿಮ್ಮಪ್ಪ ಬರ್ತಾನ ಅಂತ ಆ ವಾರ ಅಂಗಳದಾಗ ಎಲ್ಲರಿಗಿಂತ ಕಡೀಕ ಎದ್ದೆ ನಾ. ಹಂಗೇ ಕೊಟ್ಟಿದ್ರ ತವರಿಗೆ ಸಾಗಿಸಿದ್ಲು ಅಂತಿದ್ರು. ಕೊಡಲಿಲ್ಲ, ತವರಿಗೂ ಮಾಡಲಿಲ್ಲ ಅಂದ್ರು. ಅನ್ನೋರು ಅಂದೇ ಅಂತಾರ ಅಂತ ಆವಾಗ ತಿಳೀಲಿಲ್ಲ ನೋಡು. ತಿಳಿದಿದ್ರ ಕೊಟ್ಟೇ ಅನ್ನಿಸ್ಕೊಳ್ತಿದ್ದೆ."

ಆಮೇಲೆ ತಂಗಿ ಹೇಗಿದ್ದಾಳೆ ಎಂದು ಕೇಳಿದರು. ಹಳ್ಳಿಯಲ್ಲಿದ್ದಾಳೆ, ಹೊಲ, ದನ, ಮಕ್ಕಳು ಎಂದೆ. ಚಹಾ ಅರ್ಧಕ್ಕೇ ಬಿಟ್ಟು ಎದ್ದರು. ಅದೇ ಕೊನೆ, ಆಮೇಲೆ ನಾನು ಅವರನ್ನು ನೋಡಲಿಲ್ಲ.

ಹೋದ ತಿಂಗಳು ಅತ್ತಿ ತೀರಿಕೊಂಡರು. ಜಹೀರಾಬಾದಿನ ಅವರ ಮನೆಯ ಅಂಗಳದಲ್ಲೇ ಸಂತಾಪ ಸಭೆ ಮಾಡಿದರು, ಅಪ್ಪನನ್ನು ನಾನೇ ಕರೆದುಕೊಂಡು ಹೋದೆ. ಒಂದೊಂದು ಊರಿನವರು ಎದ್ದು ಹೇಳಿದರು. ಒಬ್ಬರು ಅಮ್ಮ ಕಟ್ಟಿಸಿದ ಸೇತುವೆ ಎಂದರು, ಮತ್ತೊಬ್ಬರು ಅಮ್ಮ ತಂದ ಕರೆಂಟು ಎಂದರು. ಹಳ್ಳದಾಚೆಯ ಊರಿನವರು ಹೈಸ್ಕೂಲಿನ ಹೆಸರು ಹೇಳಿ ಕಣ್ಣೊರೆಸಿಕೊಂಡರು. ಕೊನೆಗೆ ತವರಿನವರು ಮಾತಾಡಲಿ ಎಂದರು. ಅಪ್ಪ ಕೋಲು ಊರಿ ಎದ್ದ.

"ಆಕಿ ನಮ್ಮೂರ ಮಗಳು. ನಾವು ಆಕಿ ಬಲ್ಲಿ ಏನೂ ಬೇಡಲಿಲ್ಲ" ಎಂದು ಇಷ್ಟೇ ಹೇಳಿ ಕೂತ. ಸಭೆ ಜೋರಾಗಿ ಚಪ್ಪಾಳೆ ಹೊಡೆಯಿತು. ಎಂಥಾ ಮಾನವಂತ ಊರು ಅಂತ ಪಕ್ಕದವರು ನನಗೇ ಹೇಳಿದರು. ಅಪ್ಪ ಕೋಲಿನ ಮೇಲೆ ಗದ್ದ ಊರಿ ಕಣ್ಣು ಮುಚ್ಚಿಕೊಂಡ. ಹೆಮ್ಮೆಗೋ ಸಂಕಟಕ್ಕೋ, ನಾನು ಕೇಳಲಿಲ್ಲ. ತಂಬಿಗೆಯ ನೀರೂ ಕುಡಿಯದೆ ಅಲ್ಲಿಂದ ಹೊರಟ, ಮಗಳ ಮನೆಯಲ್ಲವೇ.

ಕುಬಸದ ಮರುದಿನ ರವಿವಾರ ತಂಗಿಯ ಊರಿಗೆ ಹೋದೆ. ರೊಟ್ಟಿ ಬಡಿಯುತ್ತಿದ್ದಳು. ಅತ್ತಿ ಇದ್ದಿದ್ದರೆ ಒಮ್ಮೆಯಾದರೂ ತಂಗಿಯನ್ನೂ ಅವರನ್ನೂ ಎದುರುಬದುರು ಕೂರಿಸಬಹುದಿತ್ತು. ಅದೂ ಆಗಲಿಲ್ಲ. ಸಭೆಯದನ್ನೆಲ್ಲ ಹೇಳಿದೆ, ಅಪ್ಪನ ಮಾತನ್ನೂ ಹೇಳಿದೆ.

"ಚಪ್ಪಾಳಿ ಹೊಡದ್ರಾ?" ಎಂದಳು.

ಹೂಂ ಎಂದೆ. ರೊಟ್ಟಿಯನ್ನು ಹೆಂಚಿಗೆ ಹಾಕಿ, ನೀರು ಸವರಿ, ತಿರುವಿದಳು. ನನ್ನ ಕಡೆ ನೋಡಲಿಲ್ಲ.

"ನನಗ ಎಂಟನೇ ಕ್ಲಾಸಿಗೆ ಹೋಗೋದಿತ್ತು ಅಕ್ಕಾ" ಎಂದಳು.