ಏರದೇ ಉಳಿದ ಕಂತು

ಅವನಿಗೂ ಅಪ್ಪ ಅಮ್ಮ ಇಟ್ಟ ಹೆಸರೊಂದಿತ್ತು, ಇಲ್ಲವೆಂದಲ್ಲ. ಆದರೆ ಮೂವತ್ತಾರು ವರ್ಷ ಪುಸ್ತಕ ಕಟ್ಟುವ ಕೆಲಸ ಮಾಡಿ, ಉಗುರಿನ ಸಂದಿಯಲ್ಲೆಲ್ಲ ಅಂಟು ಒಣಗಿ ಕೂತ ಮೇಲೆ ಆ ಹೆಸರು ಯಾರಿಗೆ ಬೇಕು? ಅಚ್ಚುಕೂಟದವರು ಗೋಂದಣ್ಣ ಎಂದರು, ಬೀದಿಯವರೂ ಗೋಂದಣ್ಣ ಎಂದರು. ಕೊನೆಗೆ ಹೆಂಡತಿ ಕೂಡ ಸಿಟ್ಟು ಬಂದಾಗ "ನೋಡಿ ಗೋಂದಣ್ಣನೋರೇ" ಎಂದೇ ಜಗಳ ಶುರು ಮಾಡುತ್ತಿದ್ದಳು.

ಕೆಲಸದಲ್ಲಿ ಮಾತ್ರ ಅವನನ್ನು ಮೀರಿಸುವವರಿರಲಿಲ್ಲ. ಹಾಳೆ ಮಡಿಸಿ, ದಾರ ಹಾಕಿ ಹೊಲಿದು, ಬೆನ್ನಿಗೆ ಬಟ್ಟೆ ಅಂಟಿಸಿ, ಮೂರು ಕಡೆ ಅಂಚು ಕತ್ತರಿಸಿ ಕೊಟ್ಟನೆಂದರೆ ಆ ಪುಸ್ತಕವನ್ನು ಎತ್ತಿ ಗೋಡೆಗೆ ಹೊಡೆದರೂ ಒಂದು ಹಾಳೆ ಅಲುಗುತ್ತಿರಲಿಲ್ಲ. ಒಳಗೆ ಏನಿದೆ ಎಂದು ಕೇಳಬೇಡಿ, ಅದು ಅವನಿಗೆ ಬೇಡದ ಉಸಾಬರಿ. "ಓದೋದು ಓದೋರ ಕೆಲ್ಸ. ನಾನು ಕಟ್ಟೋನು" ಎಂದು ನಗುತ್ತಿದ್ದ. ಆ ನಗು ನನಗೆ ಆಗಲೂ ಇಷ್ಟವಾಗುತ್ತಿರಲಿಲ್ಲ, ಈಗಂತೂ ನೆನೆದರೆ ಹೊಟ್ಟೆ ಉರಿಯುತ್ತದೆ.

ಇಪ್ಪತ್ತು ವರ್ಷದ ಹಿಂದೆ ಬ್ಯಾಂಕಿನಲ್ಲಿ ಎಂಟು ಲಕ್ಷ ಸಾಲ ಮಾಡಿ ಒಂದು ಮನೆ ಕೊಂಡ. ಎರಡು ಕೋಣೆ, ಒಂದು ಅಡುಗೆಮನೆ, ಹಿಂದೆ ಬಟ್ಟೆ ಒಣಗಿಸುವಷ್ಟು ಜಾಗ. ಎಂಟು ಪರ್ಸೆಂಟ್ ಬಡ್ಡಿ. ಇನ್ನೂರ ನಲವತ್ತು ಕಂತು, ಕಂತಿಗೆ ಆರು ಸಾವಿರದ ಆರುನೂರ ತೊಂಬತ್ತೊಂದು. ಅದು ಒಬ್ಬನ ದುಡಿಮೆಯಲ್ಲಿ ಆಗುವ ಮಾತಲ್ಲ. ಹಾಗಾಗಿ ಹೆಂಡತಿ ದೊಡ್ಡಾಸ್ಪತ್ರೆಯ ಬಟ್ಟೆ ವಿಭಾಗಕ್ಕೆ ಸೇರಿದಳು. ಬೆಳಿಗ್ಗೆ ಏಳರಿಂದ ಸಂಜೆ ಐದರವರೆಗೆ ನಿಂತೇ ಇರಬೇಕು. ಕುದಿಯುವ ನೀರಿನಲ್ಲಿ ಒಗೆದು ಬಂದ ಹಾಸಿಗೆ ಬಟ್ಟೆಗಳನ್ನು ಇಸ್ತ್ರಿ ಮಾಡಿ, ಮಡಿಸಿ, ಎಣಿಸಿ ಮೇಲಿನ ಮಹಡಿಗೆ ಕಳಿಸಬೇಕು. ಐದಾರು ವರ್ಷಕ್ಕೇ ಕಾಲಿನ ನರಗಳು ಹಸಿರಾಗಿ ಉಬ್ಬಿ ಬಂದವು. ನಿಲ್ಲುವ ಕೆಲಸ ಬಿಡಮ್ಮ ಎಂದು ಅದೇ ಆಸ್ಪತ್ರೆಯ ಡಾಕ್ಟರು ಹೇಳಿದರು. ಬಿಟ್ಟರೆ ಕಂತು ಕಟ್ಟುವವರು ಯಾರು, ಡಾಕ್ಟರೇ?

ಅವತ್ತು ಅವಳ ಕಾಲಿಗೆ ಎಣ್ಣೆ ತಿಕ್ಕುತ್ತಾ ಗೋಂದಣ್ಣ ಮಾತು ಕೊಟ್ಟ.

"ನೋಡು, ಇನ್ನೂರ ನಲವತ್ತನೇ ಕಂತು ಕಟ್ಟಿದ ದಿನವೇ ಕೊನೆ. ಮಾರನೇ ದಿನದಿಂದ ನೀನು ಆ ಬಾಗಿಲು ತುಳಿಯೋ ಹಾಗಿಲ್ಲ. ನಿನ್ನಾಣೆ."

"ನನ್ನಾಣೆ ಯಾಕೆ ಹಾಕ್ತೀರಾ? ನಿಮ್ಮಾಣೆ ಹಾಕ್ಕೊಳ್ಳಿ" ಎಂದು ಅವಳು ನಕ್ಕಳು. ಆದರೆ ಆ ಮಾತನ್ನು ಮಾತ್ರ ಗಟ್ಟಿಯಾಗಿ ಹಿಡಿದುಕೊಂಡಳು. ಆಮೇಲಿನ ವರ್ಷಗಳಲ್ಲಿ ಹಲ್ಲು ಕಚ್ಚಿಕೊಂಡು ನಿಂತಿದ್ದು ಅದೊಂದೇ ಮಾತಿನ ಮೇಲೆ.

ಏಳನೆಯ ವರ್ಷ ಅವಳ ತವರಿನ ಆಸ್ತಿ ಮಾರಾಟವಾಗಿ, ಅವಳ ಪಾಲಿಗೆ ಒಂದೂವರೆ ಲಕ್ಷ ಬಂತು. ಅವಳು ತಂದವಳೇ ಗಂಡನ ಮುಂದಿಟ್ಟು, "ಇದನ್ನ ಸಾಲಕ್ಕೆ ಕಟ್ಟಿಬಿಡಿ. ಎಷ್ಟು ತೀರುತ್ತೋ ಅಷ್ಟು ತೀರ್ಲಿ" ಎಂದಳು. ಅವಳಿಗೇನೂ ಲೆಕ್ಕ ಗೊತ್ತಿರಲಿಲ್ಲ. ಆದರೂ ಸಾಲವೆಂದರೆ ಬೇಗ ಕಳೆಯಬೇಕಾದ ಕಾಟ ಎನ್ನುವುದು ಅವಳ ಕಾಲಿಗೇ ಗೊತ್ತಿತ್ತು.

"ಅಯ್ಯೋ ಹುಚ್ಚಿ" ಎಂದ ಗೋಂದಣ್ಣ. "ಕಂತು ಹೇಗೂ ನಡೀತಾ ಇದೆ. ಅದು ಏರೋದೂ ಇಲ್ಲ, ಇಳಿಯೋದೂ ಇಲ್ಲ. ನಿನ್ನ ತವರಿನ ದುಡ್ಡು ಕಣ್ಣಿಗೆ ಕಾಣೋ ಹಾಗಿರ್ಬೇಕು."

ಹೀಗೆ ಸಿಮೆಂಟಿನ ನೆಲ ಒಡೆದು ಹೊಳೆಯುವ ಕಲ್ಲು ಹಾಕಿಸಿದ, ಮುಂದೆ ಕಬ್ಬಿಣದ ಗೇಟು ನಿಲ್ಲಿಸಿದ. ಅವಳು ಒಂದೆರಡು ದಿನ ಮುಖ ಊದಿಸಿಕೊಂಡಿದ್ದಳು. ಆಮೇಲೆ ಆ ನೆಲ ಒರೆಸುವುದೂ ಅವಳ ಪಾಲಿಗೇ ಬಂತು.

ಈಗ ಆ ಕಾಗದಗಳ ವಿಷಯ ಹೇಳಬೇಕು. ಇಪ್ಪತ್ತು ವರ್ಷದಲ್ಲಿ ಬ್ಯಾಂಕಿನಿಂದ ಹನ್ನೊಂದು ಕಾಗದ ಬಂದವು. ಪ್ರತಿ ಸಲವೂ ಬಡ್ಡಿ ದರ ಬದಲಾಗಿದೆ ಎಂದು ಮೊದಲ ಸಾಲು. ಅದರ ಕೆಳಗೆ ದಪ್ಪ ಅಕ್ಷರದಲ್ಲಿ, ನಿಮ್ಮ ಮಾಸಿಕ ಕಂತಿನ ಮೊತ್ತದಲ್ಲಿ ಯಾವುದೇ ಬದಲಾವಣೆ ಇರುವುದಿಲ್ಲ ಎಂಬ ಸಾಲು. ಆಮೇಲೆ ಮ್ಯಾನೇಜರರ ಸಹಿ. ಗೋಂದಣ್ಣ ಸಹಿಯವರೆಗೆ ಓದುತ್ತಿದ್ದ. ಪಕ್ಕದ ಮನೆಯ ಮೇಷ್ಟ್ರು ತಮ್ಮ ಕಂತು ಏರಿತೆಂದು ಗೋಳಾಡುವಾಗ, "ನಮ್ದು ಏರಿಲ್ಲ ನೋಡಿ ಮೇಷ್ಟ್ರೇ. ಮೊದಲನೇ ತಿಂಗಳು ಎಷ್ಟೋ ಈಗಲೂ ಅಷ್ಟೇ" ಎಂದು ಎದೆಯುಬ್ಬಿಸುತ್ತಿದ್ದ.

ಸಹಿಯ ಕೆಳಗೆ, ಕಾಗದದ ತೀರಾ ತುದಿಯಲ್ಲಿ, ಇರುವೆ ಸಾಲಿನಂಥ ಒಂದು ಸಾಲು ಇರುತ್ತಿತ್ತು. ಅಲ್ಲಿ ಏನಿರುತ್ತದೆಂದು ಮೂವತ್ತಾರು ವರ್ಷ ಅಚ್ಚುಕೂಟದಲ್ಲಿದ್ದವನಿಗೆ ಯಾರೂ ಹೇಳಿಕೊಡಬೇಕಿಲ್ಲ: ಅಚ್ಚು ಹಾಕಿದವರ ಹೆಸರು, ವಿಳಾಸ, ಎಷ್ಟು ಪ್ರತಿ ಎಂಬ ಲೆಕ್ಕ. ಎಲ್ಲ ನಮೂನೆ ಕಾಗದಗಳಲ್ಲೂ ಅದು ಅಲ್ಲೇ ಇರುತ್ತದೆ, ಕಟ್ಟುವವರು ಅದನ್ನು ಕತ್ತರಿಸಿ ಬಿಸಾಡುತ್ತಾರೆ. ಗೋಂದಣ್ಣನೂ ಅದನ್ನೇ ಮಾಡಿದ. ಬಂದ ಕಾಗದಗಳನ್ನು ತಾರೀಕಿನ ಪ್ರಕಾರ ಜೋಡಿಸಿ, ಕಟ್ಟಿದ ಕಂತಿನ ಚೀಟಿಗಳನ್ನು ನಡುನಡುವೆ ಅಂಟಿಸಿ, ಅಂಚು ಸಮಮಾಡಿ, ನೀಲಿ ಬಟ್ಟೆಯ ಬೆನ್ನು ಹಾಕಿ ಚೆಂದದ ಪುಸ್ತಕ ಮಾಡಿಟ್ಟ. ವರ್ಷವರ್ಷವೂ ಬಿಚ್ಚಿ, ಹೊಸ ಕಾಗದ ಸೇರಿಸಿ ಮತ್ತೆ ಕಟ್ಟುತ್ತಿದ್ದ. ಕತ್ತರಿ ಯಂತ್ರದ ಕೆಳಗೆ ಬಿದ್ದ ಚೂರುಗಳನ್ನು ಕಸದ ಜೊತೆ ಗುಡಿಸಿ ಹಾಕಿದ.

ಈಚಿನ ವರ್ಷಗಳಲ್ಲಿ ಪುಸ್ತಕ ಕಟ್ಟಿಸುವವರೇ ಕಡಿಮೆಯಾದರು. ಕಚೇರಿಗಳ ದಪ್ಪ ದಪ್ಪ ಲೆಕ್ಕದ ಪುಸ್ತಕಗಳು ಕಂಪ್ಯೂಟರಿಗೆ ಹೋದವು. ಅಚ್ಚುಕೂಟದ ಯಜಮಾನರು ಅವನನ್ನು ವಾರಕ್ಕೆ ಮೂರು ದಿನಕ್ಕೆ ಇಳಿಸಿದರು. ಕಂತಿನ ಭಾರವೆಲ್ಲ ಹೆಂಡತಿಯ ಸಂಬಳದ ಮೇಲೆ ಬಿತ್ತು. "ಹೋಗ್ಲಿ ಬಿಡಿ, ಇನ್ನು ಹನ್ನೆರಡೇ", "ಇನ್ನು ಐದೇ", "ಇನ್ನೊಂದೇ" ಎಂದು ಅವಳೇ ಅವನಿಗೆ ಸಮಾಧಾನ ಹೇಳುತ್ತಿದ್ದಳು. ಒಂದು ತಿಂಗಳು ಮೊದಲೇ ಕೆಲಸ ಬಿಡುವ ಅರ್ಜಿ ಕೊಟ್ಟಳು. ಅವಳಿಗೆ ಆಗ ಐವತ್ತಮೂರು.

ಕೊನೆಯ ಕಂತಿನ ದಿನವೂ ಅವಳ ಕೆಲಸದ ಕೊನೆಯ ದಿನವೂ ಒಂದೇ ಆಗಿ ಬಂತು. ಬೆಳಿಗ್ಗೆ ಇಬ್ಬರೂ ಒಟ್ಟಿಗೆ ಹೊರಟರು. ಗೋಂದಣ್ಣ ಇಸ್ತ್ರಿ ಅಂಗಿ ಹಾಕಿ, ನೀಲಿ ಬೆನ್ನಿನ ಪುಸ್ತಕವನ್ನು ಕಂಕುಳಲ್ಲಿಟ್ಟುಕೊಂಡು, ಬ್ಯಾಂಕಿನಲ್ಲಿ ಅಡವಿದ್ದ ಮನೆಪತ್ರ ತರಲು ಒಂದು ಹೊಸ ಚೀಲ ಹಿಡಿದು, ಬ್ಯಾಂಕಿನವರಿಗೆಂದು ಸಿಹಿಯ ಡಬ್ಬಿಯನ್ನೂ ಕೊಂಡ. ಪಾಪ, ಮದುವೆಗೆ ಹೊರಟವನ ಹಾಗೆ ಮುಖ ಇಷ್ಟಗಲ.

ಸಾಲದ ಮೇಜಿನಲ್ಲಿ ಕೂತಿದ್ದವಳು ಅವನಿಗೆ ಮಗಳಾಗುವ ವಯಸ್ಸಿನ ಹುಡುಗಿ. ಕಂತು ಕಟ್ಟಿಸಿಕೊಂಡಳು, ಚೀಟಿ ಕೊಟ್ಟಳು.

"ಮನೆಪತ್ರ ಇವತ್ತೇ ಕೊಡ್ತೀರೇನಮ್ಮಾ, ಇಲ್ಲಾ ನಾಳೆ ಬರ್ಲಾ?"

ಅವಳು ಕಂಪ್ಯೂಟರಿನ ಪರದೆ ನೋಡಿದಳು, ಇವನ ಮುಖ ನೋಡಿದಳು, ಮತ್ತೆ ಪರದೆ ನೋಡಿದಳು. "ಮನೆಪತ್ರ ಈಗ ಕೊಡೋಕಾಗಲ್ಲ ಅಂಕಲ್. ಇನ್ನೂ ನೂರ ಹದಿನೆಂಟು ಕಂತು ಇದೆಯಲ್ಲಾ?"

ಗೋಂದಣ್ಣ ನಕ್ಕುಬಿಟ್ಟ. ಬೇರೆ ಯಾರದೋ ಖಾತೆ ನೋಡುತ್ತಿದ್ದಾಳೆಂದು ಅವನಿಗೆ ಖಾತರಿ. ಪುಸ್ತಕ ಮೇಜಿನ ಮೇಲಿಟ್ಟು ಒಂದೊಂದೇ ಹಾಳೆ ತಿರುಗಿಸಿ ತೋರಿಸಿದ. "ನೋಡಮ್ಮಾ, ಇನ್ನೂರ ನಲವತ್ತು ಚೀಟಿ. ಒಂದು ತಪ್ಪಿಲ್ಲ. ನಿಮ್ಮ ಕಾಗದಾನೂ ಇದೆ. ಕಂತಲ್ಲಿ ಬದಲಾವಣೆ ಇಲ್ಲ ಅಂತ ನೀವೇ ಬರ್ದಿದೀರಿ."

ಹುಡುಗಿ ಕಾಗದದ ಮೇಲೆ ಬೆರಳಾಡಿಸಿ, ತುದಿಯವರೆಗೆ ಹೋಗಿ ನಿಂತಳು. "ಇದರ ಕೆಳಗೆ ಇನ್ನೊಂದು ಸಾಲು ಇರ್ಬೇಕಲ್ವಾ ಅಂಕಲ್? ಇಲ್ಲಿ ಯಾರೋ ಕತ್ತರಿಸಿದಾರೆ." ಒಳಗೆ ಹೋಗಿ ಬ್ಯಾಂಕಿನ ಪ್ರತಿ ತಂದಳು. ಸಹಿಯ ಕೆಳಗೆ ಇರುವೆ ಸಾಲು ಹಾಗೇ ಇತ್ತು. ಅವಳೇ ಓದಿ ಹೇಳಿದಳು: ಕಂತಿನ ಮೊತ್ತವನ್ನು ಹಾಗೇ ಉಳಿಸಿ, ಸಾಲದ ಅವಧಿಯನ್ನು ವಿಸ್ತರಿಸಲಾಗಿದೆ. ಮೊದಲ ಕಾಗದದಲ್ಲಿ ಇನ್ನೂರ ಅರವತ್ತೊಂದು ಕಂತು. ಆಮೇಲೆ ಇನ್ನೂರ ತೊಂಬತ್ತು. ಕೊನೆಯದರಲ್ಲಿ ಮುನ್ನೂರ ಐವತ್ತೆಂಟು.

ಬ್ಯಾಂಕಿನವರು ಮೋಸ ಮಾಡಿದರೆಂದು ಹೇಳಿ ನಾಲ್ಕು ಮಾತು ಬೈಯೋಣವೆಂದು ನನಗೂ ಆಸೆ. ಏನು ಮಾಡಲಿ, ಅವರು ಹೇಳಿಯೇ ಇದ್ದರು. ಕಣ್ಣಿಗೆ ಬೀಳದ ಹಾಗೆ ಹೇಳಿದ್ದರು, ಅಷ್ಟೇ.

ಹುಡುಗಿ ಒಳ್ಳೆಯವಳು. ಬಿಳಿ ಹಾಳೆ ತೆಗೆದು ಬಿಡಿಸಿ ಬಿಡಿಸಿ ಹೇಳಿದಳು. "ಮೊದಲನೇ ಕಂತು ಕಟ್ಟಿದ್ರಲ್ಲಾ, ಅದರಲ್ಲಿ ಐದು ಸಾವಿರದ ಮುನ್ನೂರ ಮೂವತ್ತಮೂರು ಬಡ್ಡಿಗೇ ಹೋಯ್ತು. ಅಸಲಿಗೆ ಹೋಗಿದ್ದು ಉಳಿದ ಚೂರು. ಆಮೇಲೆ ಬಡ್ಡಿ ಎಂಟರಿಂದ ಒಂಬತ್ತೂವರೆಗೆ ಹೋದಾಗ ಆ ಚೂರೂ ಕಡಿಮೆ ಆಯ್ತು. ಕಂತು ಏರಲಿಲ್ಲ ಅಂಕಲ್, ಅದಕ್ಕೇ ವರ್ಷ ಏರ್ತು."

"ಇಲ್ಲೀವರೆಗೆ ಕಟ್ಟಿದ್ದು?"

"ಹದಿನಾರು ಲಕ್ಷ ಚಿಲ್ಲರೆ. ಅಸಲು ಇನ್ನೂ ಐದು ಲಕ್ಷದ ಹನ್ನೊಂದು ಸಾವಿರ ಇದೆ. ಎಲ್ಲಾ ಮುಗಿಯೋ ಹೊತ್ತಿಗೆ ಹತ್ತಿರ ಹತ್ತಿರ ಇಪ್ಪತ್ತನಾಲ್ಕು ಲಕ್ಷ ಆಗುತ್ತೆ."

ಎಂಟು ಲಕ್ಷದ ಮನೆ. ಮೂರು ಮನೆಯ ದುಡ್ಡು ತೆತ್ತು ಒಂದು ಮನೆ. ಅಷ್ಟಕ್ಕೇ ಎದ್ದು ಬರಬಾರದಿತ್ತೆ ಪುಣ್ಯಾತ್ಮ? ಕೇಳಬಾರದ್ದನ್ನು ಕೇಳಿದ. "ಏಳನೇ ವರ್ಷ ಒಂದೂವರೆ ಲಕ್ಷ ಬಂದಿತ್ತಮ್ಮ. ಅವತ್ತೇ ಅದನ್ನ ಕಟ್ಟಿದ್ರೆ?"

ಅವಳು ಲೆಕ್ಕ ಹಾಕಿದಳು. ಬೆರಳು ನಿಂತಿತು.

"ಇವತ್ತಿಗೆ ಮುಗಿದಿರೋದು, ಅಂಕಲ್."

ಸಿಹಿಯ ಡಬ್ಬಿಯನ್ನು ಅಲ್ಲೇ ಬಿಟ್ಟು ಎದ್ದ. ಬಸ್ಸು ಹತ್ತುವುದೂ ಹೊಳೆಯದೆ ನಡೆದೇ ಮನೆಗೆ ಬಂದ. ಅವಳಿಗೆ ಹೇಗೆ ಹೇಳುವುದು? ಹೇಳದೆ ಇರುವುದು ಹೇಗೆ? ಮನೆ ಮಾರಿದರೆ ಸಾಲ ತೀರೀತು, ಆಮೇಲೆ ಬಾಡಿಗೆ ಎಲ್ಲಿಂದ ತರುವುದು? ವಾರಕ್ಕೆ ಮೂರು ದಿನದ ದುಡಿಮೆಯಲ್ಲಿ ಕಂತು ಹೋಗಲಿ, ಹೊಟ್ಟೆಯೇ ತುಂಬದು. ದಾರಿಯುದ್ದಕ್ಕೂ ತನ್ನನ್ನೇ ಶಪಿಸಿಕೊಂಡ.

ಅವಳು ಆಗಲೇ ಬಂದಿದ್ದಳು. ಮಧ್ಯಾಹ್ನಕ್ಕೇ ಕಳಿಸಿಕೊಟ್ಟಿದ್ದರಂತೆ. ಜೊತೆಯವರೆಲ್ಲ ದುಡ್ಡು ಸೇರಿಸಿ ಒಂದು ಜೊತೆ ಮೆತ್ತನೆ ಚಪ್ಪಲಿ ಕೊಟ್ಟಿದ್ದರು. ಒಳಕೋಣೆಯ ಕಿಟಕಿಯ ಹತ್ತಿರ ಕುರ್ಚಿ ಎಳೆದುಕೊಂಡು, ಎರಡೂ ಕಾಲನ್ನು ಸ್ಟೂಲಿನ ಮೇಲೆ ಚಾಚಿ ಕೂತಿದ್ದಳು. ಹಸಿರು ನರಗಳ ಮೇಲೆ ಬಿಸಿಲು ಬಿದ್ದಿತ್ತು.

"ರೀ, ಇಲ್ನೋಡಿ" ಎಂದಳು ಹುಡುಗಿಯ ಹಾಗೆ. "ಮೂರು ಗಂಟೆಗೆ ಈ ಕೋಣೆಗೆ ಬಿಸಿಲು ಬರುತ್ತೆ ಅಂತ ನಂಗೆ ಗೊತ್ತೇ ಇರ್ಲಿಲ್ಲ. ಇಪ್ಪತ್ತು ವರ್ಷ ಆಯ್ತು ಈ ಮನೆಗೆ ಬಂದು! ರಜಾದಿನ ಬಂದ್ರೂ ಆ ಒಗೆಯೋದು, ಈ ತೊಳೆಯೋದು. ಕೂತ್ಕೊಂಡು ಎಲ್ಲಿ ನೋಡಿದೀನಿ? ಎಲ್ಲಿ, ಪತ್ರ ಕೊಡಿ, ಒಂದ್ಸಲ ಕೈಯಲ್ಲಿ ಹಿಡಿದು ನೋಡ್ತೀನಿ."

ಗೋಂದಣ್ಣ ಬಾಗಿಲಲ್ಲೇ ನಿಂತ. ಹೊಸ ಚೀಲ ಖಾಲಿಯಾಗಿ ಜೋತಾಡುತ್ತಿತ್ತು. ಅವಳ ನಗು ಮೆಲ್ಲಗೆ ಇಳಿಯಿತು.

"ಏನಾಯ್ತು?"

ಅವನು ನೆಲದ ಮೇಲೆ ಅವಳ ಕಾಲ ಬಳಿ ಕೂತು ಎಲ್ಲವನ್ನೂ ಹೇಳಿದ. ಕತ್ತರಿಸಿದ ಸಾಲನ್ನೂ ಹೇಳಿದ.

"ಇನ್ನೆಷ್ಟು ಅಂದ್ರಿ?"

"ನೂರ ಹದಿನೆಂಟು."

"ತಿಂಗಳಾ?"

"ತಿಂಗಳು."

ಅವಳು ತುಟಿಯಲ್ಲೇ ಎಣಿಸಿದಳು. "ಅಂದ್ರೆ ನಂಗೆ ಅರವತ್ತಮೂರು." ಆಮೇಲೆ, "ನಮ್ಮಪ್ಪನ ಮನೆ ದುಡ್ಡು ಕಟ್ಟಿದ್ರೆ ಎಷ್ಟು ಕಡಿಮೆ ಆಗ್ತಿತ್ತಂತೆ? ಕೇಳಿದ್ರಾ?" ಎಂದಳು.

ಕೇಳಲಿಲ್ಲ ಎಂದುಬಿಡಬಹುದಿತ್ತು. ಜೀವನದಲ್ಲಿ ಒಂದು ಸುಳ್ಳಿಗೆ ಅವಕಾಶವಿದ್ದರೆ ಅದು ಅದೇ ಗಳಿಗೆ. ಆದರೆ ಅವನಿಂದ ಆಗಲಿಲ್ಲ. "ಇವತ್ತಿಗೆ ಮುಗೀತಿತ್ತು ಕಣೇ" ಎಂದವನೇ ಅವಳ ಮೊಣಕಾಲಿಗೆ ಹಣೆಯಿಟ್ಟು ಗೊಳೋ ಎಂದು ಅತ್ತ.

ಅವಳು ಬೈಯಲಿಲ್ಲ. ಬೈದಿದ್ದರೆ ಅವನಿಗೆ ಎಷ್ಟೋ ಹಗುರವಾಗುತ್ತಿತ್ತು. ಕಲ್ಲಿನ ನೆಲವನ್ನು ಒಂದಷ್ಟು ಹೊತ್ತು ನೋಡಿದಳು, ಆಮೇಲೆ ಸ್ಟೂಲಿನಿಂದ ಒಂದೊಂದೇ ಕಾಲು ಇಳಿಸಿದಳು. ಗೋಡೆ ಹಿಡಿದು ಎದ್ದು ಫೋನು ತೆಗೆದು, ಬಟ್ಟೆ ವಿಭಾಗದ ಮೇಲ್ವಿಚಾರಕಿಗೆ ಹಚ್ಚಿದಳು. ಗಂಟಲು ಸರಿಮಾಡಿಕೊಂಡು ನಗುನಗುತ್ತಲೇ ಮಾತು ತೆಗೆದಳು.

"ಅಕ್ಕಾ, ನಾನು. ಅಯ್ಯೋ, ಮನೇಲಿ ಒಂದು ಮಧ್ಯಾಹ್ನ ಕೂರೋಕೂ ಆಗ್ತಿಲ್ಲ ಕಣಕ್ಕಾ. ಅಭ್ಯಾಸವೇ ಇಲ್ವಲ್ಲಾ. ನಾಳೆಯಿಂದ ಮತ್ತೆ ಬರ್ಲಾ?"

ಆ ಕಡೆಯ ನಗು ಇವನಿಗೂ ಕೇಳಿಸಿತು. "ನಾನು ಬೆಳಿಗ್ಗೆನೇ ಅಂದೆ, ನಿಂಗೆ ಸುಮ್ಮನೆ ಕೂತು ಗೊತ್ತಿಲ್ಲ ಅಂತ! ಬಾ, ಜಾಗ ಇನ್ನೂ ಯಾರಿಗೂ ಕೊಟ್ಟಿಲ್ಲ. ಆದ್ರೆ ನಿನ್ನ ಲೆಕ್ಕ ಮುಗಿಸಿ ಆಯ್ತಲ್ಲಮ್ಮಾ. ಹೊಸಬಳು ಅಂತಲೇ ಬರ್ಕೋಬೇಕು. ಸಂಬಳಾನೂ ಮೊದಲಿಂದ."

"ಎಷ್ಟಕ್ಕಾ ಅದು?"

ಅವರು ಹೇಳಿದರು. ಅದು ಅವಳು ನಿನ್ನೆಯವರೆಗೆ ತರುತ್ತಿದ್ದುದರ ಅರ್ಧಕ್ಕಿಂತ ಸ್ವಲ್ಪ ಜಾಸ್ತಿ, ಕಂತಿಗೆ ಸರಿಯಾಗಿ ಸಾಲುವಷ್ಟು.

"ಆಗ್ಲಿ ಅಕ್ಕಾ" ಎಂದಳು. "ಹೊಸಬಳು ಅಂತಲೇ ಬರ್ಕೊಳ್ಳಿ."